ಅತೃಪ್ತರ ವ್ಯಾಕರಣ

ಪತ್ರಿಕೆಯ ಡೆಸ್ಕಿನಲ್ಲಿ ಕೂತು ಇಂಗ್ಲಿಷ್ ಕಾಪಿಯನ್ನು ಕನ್ನಡಕ್ಕೆ ಇಳಿಸುವವರಿಗೆ ಕೆಲವು ಪದಗಳು ಮುಂಗಾರು, ಹಿಂಗಾರಿನ ಹಾಗೆ. ಹಂಗಾಮು ಬಂತೆಂದರೆ ಬಂದೇ ಬರುತ್ತವೆ. 'ಡಿಸ್‌ಗ್ರಂಟಲ್ಡ್' ಅಂಥದ್ದೊಂದು. ಸಂಪುಟ ವಿಸ್ತರಣೆಯಾದ ಮಾರನೆಯ ದಿನ, ನಿಗಮ ಮಂಡಳಿಗಳ ಅಧ್ಯಕ್ಷರ ಪಟ್ಟಿ ಹೊರಬಿದ್ದ ಸಂಜೆ, ಟಿಕೆಟ್ ಹಂಚಿಕೆ ಮುಗಿದ ರಾತ್ರಿ, ಈ ಪದವಿಲ್ಲದೆ ಸುದ್ದಿಸಂಸ್ಥೆಯ ಕಾಪಿ ಬಂದದ್ದನ್ನು ನಾನಂತೂ ಕಾಣೆ. ಅದನ್ನು ನೋಡಿದ್ದೇ ತಡ, ಕೈ ಬುದ್ಧಿಯನ್ನು ಒಂದು ಮಾತೂ ಕೇಳದೆ 'ಅತೃಪ್ತ' ಎಂದು ಟೈಪು ಮಾಡಿಬಿಡುತ್ತದೆ. ಹೆಡ್ಡಿಂಗಿಗೂ ಒಳ್ಳೆಯ ಪದವೇ. ಮೂರೇ ಅಕ್ಷರ, ಸಿಂಗಲ್ ಕಾಲಮ್ಮಿನಲ್ಲೂ ಕಾಲು ಮಡಚಿಕೊಂಡು ಕೂರುತ್ತದೆ.

2019ರ ಜುಲೈನಲ್ಲಿ ಈ ಪದದ ಯೋಗವೇ ಬದಲಾಯಿತು. ಅಲ್ಲಿಯವರೆಗೆ ಶಾಸಕರ ಹಿಂದೆ ಮುಂದೆ ಓಡಾಡಿಕೊಂಡಿದ್ದ ಬಡಪಾಯಿ ವಿಶೇಷಣ ಏಕಾಏಕಿ ನಾಮಪದಕ್ಕೆ ಬಡ್ತಿ ಪಡೆಯಿತು. 'ಅತೃಪ್ತ ಶಾಸಕರು' ಹೋಗಿ ಬರೀ 'ಅತೃಪ್ತರು' ಉಳಿದರು. ಅತೃಪ್ತರು ಮುಂಬೈಗೆ, ಅತೃಪ್ತರ ಮನವೊಲಿಕೆ, ಅತೃಪ್ತರು ಹೋಟೆಲ್ ಬಿಟ್ಟು ಕದಲಲಿಲ್ಲ. ಯಾರು, ಎತ್ತ ಎಂದು ಓದುಗರಿಗೆ ಬಿಡಿಸಿ ಹೇಳುವ ಅಗತ್ಯವೇ ಬೀಳಲಿಲ್ಲ. 23ರಂದು ವಿಶ್ವಾಸಮತದ ಪರವಾಗಿ 99, ವಿರುದ್ಧವಾಗಿ 105 ಮತ ಬಿದ್ದು ಕರ್ನಾಟಕದ ಸಮ್ಮಿಶ್ರ ಸರ್ಕಾರ ಉರುಳಿತು. ಅದೇ ವಾರದಲ್ಲಿ ಸಭಾಧ್ಯಕ್ಷರು 17 ಮಂದಿಯ ಶಾಸಕತ್ವ ಕಿತ್ತುಹಾಕಿದರು. ಅತೃಪ್ತರು ರಾತ್ರಿ ಕಳೆಯುವುದರೊಳಗೆ ಅನರ್ಹರಾದರು. ಗಮನಿಸಿ, ಸ್ಥಾನ ಹೋಯಿತೇ ಹೊರತು ತಲೆಯ ಮೇಲಿನ 'ಅ'ಕಾರ ಹೋಗಲಿಲ್ಲ.

ನವೆಂಬರಿನಲ್ಲಿ ಸುಪ್ರೀಂ ಕೋರ್ಟು ಅನರ್ಹತೆಯನ್ನು ಎತ್ತಿಹಿಡಿಯಿತು, ಆದರೆ ಚುನಾವಣೆಗೆ ನಿಲ್ಲಬಹುದು ಎಂದಿತು. ಡಿಸೆಂಬರಿನಲ್ಲಿ 15 ಕ್ಷೇತ್ರಗಳ ಉಪಚುನಾವಣೆ. ಹೋಗಿ ಸೇರಿಕೊಂಡ ಪಕ್ಷಕ್ಕೆ 12 ಗೆಲುವು. ಫೆಬ್ರವರಿಯಲ್ಲಿ ಅವರ ಪೈಕಿ 10 ಮಂದಿ ಮಂತ್ರಿಗಳಾಗಿ ಪ್ರಮಾಣವಚನವನ್ನೂ ಸ್ವೀಕರಿಸಿದರು. ಇಷ್ಟೆಲ್ಲ ಆದ ಮೇಲೆ 'ಅನರ್ಹರು ಅರ್ಹರಾದರು' ಎನ್ನುವ ಮಾತು ಅಲ್ಲಲ್ಲಿ ಓಡಾಡಿತು, ನಿಜ. ಆದರೆ 'ತೃಪ್ತರು' ಎಂಬ ಹೆಡ್ಡಿಂಗು ನನ್ನ ಕಣ್ಣಿಗೆ ಬೀಳಲೇ ಇಲ್ಲ. ಮಂತ್ರಿಗಿರಿ ಸಿಕ್ಕಿ, ಬಯಸಿದ ಖಾತೆಯೂ ಸಿಕ್ಕಿ, ಹೊಟ್ಟೆ ತುಂಬಿದ ಶಾಸಕನನ್ನು ಏನೆಂದು ಕರೆಯಬೇಕು? ಡೆಸ್ಕಿನಲ್ಲಿ ಇದನ್ನೇ ಕೇಳಿದೆ. ಚೀಫ್ ಸಬ್ ತಲೆ ಎತ್ತದೆ, "ಅಂಥೋರು ಸುದ್ದಿಯಲ್ಲ ಕಣ್ರೀ, ಜಾಹೀರಾತು. ಅದು ಮಾರ್ಕೆಟಿಂಗ್‌ನೋರಿಗೆ ಬಿಡಿ" ಎಂದರು.

ಇಂಗ್ಲಿಷಿನವರ ಪಾಡೇನು ಎಂದು ನಿಘಂಟು ತೆಗೆದರೆ ಅಲ್ಲಿ ಇನ್ನೂ ದೊಡ್ಡ ಫಜೀತಿ. 'ಡಿಸ್‌ಗ್ರಂಟಲ್ಡ್'ನ ಬಾಲ ಕೊಯ್ದು, ತಲೆ ಕೊಯ್ದು ನೋಡಿದರೆ ಒಳಗೆ ಸಿಗುವುದು ಹಂದಿ. 'ಗ್ರಂಟ್' ಎಂದರೆ ಹಂದಿಯ ಗುಟುರು. 'ಗ್ರಂಟಲ್' ಎಂದರೆ ಅದೇ ಗುಟುರನ್ನು ಸಣ್ಣದಾಗಿ, ಮತ್ತೆ ಮತ್ತೆ ಹಾಕುವುದು. ನಮ್ಮಲ್ಲಿ ಗೊಣಗೊಣ ಎನ್ನುತ್ತೇವಲ್ಲ, ಹಾಗೆ. ಇನ್ನು ಮುಂದಿರುವ 'ಡಿಸ್' ಇದೆಯಲ್ಲ, ಎಲ್ಲರೂ ಅದನ್ನು 'ಇಲ್ಲ' ಎಂದೇ ತಿಳಿದಿದ್ದಾರೆ. ಈ ಪದದಲ್ಲಿ ಅದರ ಅರ್ಥ 'ಇಲ್ಲ' ಅಲ್ಲ, 'ಪೂರಾ'. 17ನೆಯ ಶತಮಾನದಲ್ಲಿ ಈ ಪದ ಕಟ್ಟಿದವರು ಹೇಳಹೊರಟದ್ದು ಇಷ್ಟು: ಈ ಮನುಷ್ಯನಿಗೆ ಗೊಣಗಾಟ ನೆತ್ತಿಗೇರಿದೆ. ವಿಧಾನಸೌಧ ಬೀಟಿನ ಹುಡುಗನಿಗೆ ಇದನ್ನು ಹೇಳಿದೆ. ಅವನು ಗಂಭೀರವಾಗಿ ಕೇಳಿಸಿಕೊಂಡು, "ಹಂಗಾದ್ರೆ ಹೋಟೆಲಿನಿಂದ ಬರ್ತಿದ್ದ ಬೈಟುಗಳೆಲ್ಲ ಮೂಲಕ್ಕೆ ನಿಷ್ಠವಾಗೇ ಇದ್ವು ಬಿಡಿ ಸಾರ್" ಎಂದ.

ಅಂದಮೇಲೆ 'ಡಿಸ್' ಕಿತ್ತರೆ ಉಳಿಯಬೇಕಾದದ್ದು ಸಂತೃಪ್ತ ಮನುಷ್ಯನಲ್ಲ, ಅರ್ಧಂಬರ್ಧ ಗೊಣಗುವವನು. ಆದರೆ ಭಾಷೆ ಯಾವತ್ತು ವ್ಯಾಕರಣದ ಮಾತು ಕೇಳಿದೆ? 1938ರಲ್ಲಿ ಪಿ.ಜಿ. ವುಡ್‌ಹೌಸ್ 'ದಿ ಕೋಡ್ ಆಫ್ ದಿ ವೂಸ್ಟರ್ಸ್' ಬರೆದ. ಅದರಲ್ಲಿ ಚತುರ ಸೇವಕ ಜೀವ್ಸ್‌ಗೆ ಹಡಗು ಹತ್ತಿ ಪ್ರಪಂಚ ಸುತ್ತುವ ಆಸೆ. ಧಣಿ ಬರ್ಟಿಗೆ ಅದು ಸುತರಾಂ ಇಷ್ಟವಿಲ್ಲ. ಜೀವ್ಸ್ ಬಾಯಿ ಬಿಟ್ಟು ಏನೂ ಅನ್ನುವುದಿಲ್ಲ. ಒಳ್ಳೆಯ ಆಳು ಎಂದಾದರೂ ಮುಖ ಊದಿಸಿಕೊಳ್ಳುತ್ತಾನೆಯೇ? ಅವನ ಧ್ವನಿಯಲ್ಲಿ ಮಾತ್ರ ಏನೋ ಒಂದು. ಇವನು 'ಡಿಸ್‌ಗ್ರಂಟಲ್ಡ್' ಅಂತೂ ಅಲ್ಲ, ಹಾಗಂತ 'ಗ್ರಂಟಲ್ಡ್' ಎನ್ನುವುದಕ್ಕೂ ಬಲು ದೂರ ಎಂಬ ಧಾಟಿಯಲ್ಲಿ ಬರ್ಟಿ ಅದನ್ನು ಬಣ್ಣಿಸುತ್ತಾನೆ. ಓದಿದವರೆಲ್ಲ ನಕ್ಕರು. ನಗುತ್ತಲೇ ನಿಘಂಟಿನವರು 'ಗ್ರಂಟಲ್ಡ್' ಅಂದರೆ ಸಂತುಷ್ಟ ಎಂದು ಬರೆದುಕೊಂಡರು. ತಮಾಷೆಯಿಂದ ಹೆಸರು ಮಾಡಿದ ಆ ಪದವನ್ನು ಇವತ್ತಿಗೂ ಮುಖ ಬಿಗಿದುಕೊಂಡು ಬಳಸಲು ಯಾರಿಗೂ ಆಗಿಲ್ಲ.

ಇಂಥ ಅನಾಥರು ಆ ಭಾಷೆಯಲ್ಲಿ ಬೇಕಾದಷ್ಟು ಇದ್ದಾರೆ. ತಲೆ ಬಾಚದವನು 'ಅನ್‌ಕೆಂಪ್ಟ್'. 'ಕೆಂಪ್ಟ್' ಎಂದರೆ ಬಾಚಿದ್ದು ಎಂದಷ್ಟೇ ಅರ್ಥ, ಬಾಚಣಿಗೆಯ 'ಕೋಂಬ್' ಅದರ ದಾಯಾದಿ. ದಿನಾ ತಲೆ ಬಾಚಿಕೊಂಡು ಆಫೀಸಿಗೆ ಹೋಗುವ ಕೋಟ್ಯಂತರ ಜನರಿಗೆ ಆ ಪದದ ಉಪಕಾರವಿಲ್ಲ. ಬಾಚದ ನಾಲ್ಕು ಮಂದಿಗೆ ಮಾತ್ರ ಖಾಯಂ ಬಿರುದು. ನಮ್ಮ 'ಅಸಡ್ಡಾಳ'ದ ಕಥೆಯೂ ಅದೇ. ಸಡ್ಡಾಳವಾಗಿ ಬಟ್ಟೆ ಹಾಕಿಕೊಂಡವರನ್ನು ಯಾರಾದರೂ ಕಂಡಿದ್ದೀರಾ? 'ಅನ್‌ಕೂತ್' ಎಂದರೆ ಈಗ ಒರಟ, ಗಮಾರ. ಹಿಂದೆ ಬರೀ 'ಗೊತ್ತಿಲ್ಲದವನು' ಎಂದಿತ್ತು. ಪರಿಚಯವಿಲ್ಲದವನೆಲ್ಲ ಗಮಾರ ಎಂಬ ತೀರ್ಮಾನಕ್ಕೆ ಬರಲು ಇಂಗ್ಲಿಷರಿಗೆ ಕೆಲವು ಶತಮಾನ ಹಿಡಿಯಿತು, ನಮ್ಮ ಅಪಾರ್ಟ್‌ಮೆಂಟಿನ ವಾಟ್ಸಾಪ್ ಗ್ರೂಪಿನವರಿಗೆ ಅಷ್ಟು ಹೊತ್ತು ಬೇಕಿಲ್ಲ. 'ರೂತ್‌ಲೆಸ್'ನಲ್ಲಿ ಇಲ್ಲದಿರುವ 'ರೂತ್' ಎಂದರೆ ಕರುಣೆ. ಕರುಣೆ ಸತ್ತು ಹೋಯಿತು, ಅದರ ಅಭಾವ ಮಾತ್ರ ಗಟ್ಟಿಮುಟ್ಟಾಗಿ ಓಡಾಡಿಕೊಂಡಿದೆ. 1994ರಲ್ಲಿ ಜ್ಯಾಕ್ ವಿಂಟರ್ ಎಂಬವರು 'ನ್ಯೂಯಾರ್ಕರ್' ಪತ್ರಿಕೆಯಲ್ಲಿ ತಾನು ಹೆಂಡತಿಯನ್ನು ಭೇಟಿಯಾದ ಕಥೆಯನ್ನು ಇಂಥ ತಲೆ ಹಾರಿಸಿದ ಪದಗಳಲ್ಲೇ ಬರೆದರು. ಇಡೀ ಪ್ರೇಮಪ್ರಕರಣ ಅಚ್ಚ ಇಂಗ್ಲಿಷಿನಲ್ಲಿದೆ, ಒಂದು ಸಾಲೂ ಇಂಗ್ಲಿಷಿನಂತೆ ಕೇಳುವುದಿಲ್ಲ.

ಇವೆಲ್ಲ ನಕ್ಕು ಬಿಡುವಂಥವು. ಬಿಡಲಾಗದ್ದು ಒಂದಿದೆ. ನೆಲಮಂಗಲದ ಟೋಲಿನಲ್ಲಿ ಸಂಜೆ ಹೊತ್ತು ಸಿಕ್ಕಿಹಾಕಿಕೊಂಡವರಿಗೆಲ್ಲ ಅದರ ಪರಿಚಯವಿರುತ್ತದೆ. ಮುಂದೆ ಒಂದು ಪೆಟ್ರೋಲ್ ಟ್ಯಾಂಕರ್, ಬೆನ್ನ ಮೇಲೆ ಅಂಗೈಯಗಲದ ಕೆಂಪು ಅಕ್ಷರಗಳಲ್ಲಿ 'ಹೈಲಿ ಇನ್‌ಫ್ಲೇಮಬಲ್'. ಇನ್‌ಕರೆಕ್ಟ್ ಎಂದರೆ ಸರಿಯಲ್ಲ, ಇನ್‌ವಿಸಿಬಲ್ ಎಂದರೆ ಕಾಣುವುದಿಲ್ಲ. ಹಾಗಾದರೆ ಇನ್‌ಫ್ಲೇಮಬಲ್ ಎಂದರೆ? ಬೀಡಿ ಹಚ್ಚಬಹುದು! ಇಲ್ಲಿನ 'ಇನ್' ಲ್ಯಾಟಿನ್ನಿನದು, ಬೆಂಕಿಯೊಳಕ್ಕೆ ಬೀಳುವಂಥದ್ದು ಎಂಬ ಅರ್ಥದ್ದು. ಇದನ್ನು ತಪ್ಪು ತಿಳಿದವರು ತಿದ್ದಿಕೊಳ್ಳಲು ಉಳಿದಿರುವುದಿಲ್ಲ ಎಂದು ಹೆದರಿ ಅಮೆರಿಕದ ಅಗ್ನಿಸುರಕ್ಷತಾ ಸಂಘದವರು 1920ರ ದಶಕದಲ್ಲೇ 'ಇನ್' ತೆಗೆದು 'ಫ್ಲೇಮಬಲ್' ಎಂದೇ ಬರೆಯಿರಿ ಎಂದು ದುಂಬಾಲು ಬಿದ್ದರು. ನಮ್ಮ ಟ್ಯಾಂಕರುಗಳಿಗೆ ಆ ಸುದ್ದಿ ಇನ್ನೂ ಪೂರ್ತಿ ತಲುಪಿದಂತಿಲ್ಲ. ಸಾಲು ಕದಲದೆ ನಿಂತಿದ್ದಾಗ ಕೆಳಗಿಳಿದು ಟೈರಿಗೆ ಕೋಲಿನಿಂದ ಬಡಿದು ಗಾಳಿ ನೋಡುತ್ತಿದ್ದ ಚಾಲಕರನ್ನು ಕೇಳಿದೆ, "ಅಣ್ಣಾ, ಹಿಂದೆ ಏನು ಬರೆದಿದೆ ಗೊತ್ತಾ?" ಅವರು ಅಕ್ಷರದ ಕಡೆ ನೋಡಲೂ ಇಲ್ಲ. "ಅದು ಇಂಗ್ಲಿಷ್ ಬಂದೋರಿಗೆ ಸಾರ್. ನಮಗೆ ಪಕ್ಕದಲ್ಲಿ ಬೆಂಕಿ ಚಿತ್ರ ಬರ್ದವ್ರಲ್ಲ" ಎಂದು ಮುಂದಿನ ಟೈರಿಗೆ ಹೋದರು.

ಇಂಗ್ಲಿಷರನ್ನು ನೋಡಿ ನಾವು ಬಹಳ ನಗುವ ಹಾಗೂ ಇಲ್ಲ. ಅವರು ತಲೆ ಕತ್ತರಿಸಿ ಹುಟ್ಟಿಸಿದ್ದು ಒಬ್ಬ ಸಂತುಷ್ಟನನ್ನು. ನಮ್ಮ ಕಡೆಯವರು ಅದೇ ಉಪಾಯದಿಂದ ದೇವರನ್ನೇ ಹುಟ್ಟಿಸಿದರು.

'ಸುರ' ಎಂದರೆ ದೇವತೆ, 'ಅಸುರ' ಎಂದರೆ ದೇವತೆಯಲ್ಲದವನು, ರಾಕ್ಷಸ. ಪ್ರೈಮರಿ ಸ್ಕೂಲಿನ ವಿರುದ್ಧಾರ್ಥಕ ಪದಗಳ ಪಟ್ಟಿಯಲ್ಲಿ ಎಲ್ಲರೂ ಬರೆದು ಮಾರ್ಕು ತೆಗೆದುಕೊಂಡದ್ದೇ. ಆದರೆ ಮೊದಲು ಇದ್ದದ್ದು ಅಸುರನೇ. ಋಗ್ವೇದದಲ್ಲಿ ವರುಣನಂಥ ದೊಡ್ಡ ದೇವರನ್ನೇ ಅಸುರ ಎಂದು ಗೌರವದಿಂದ ಕರೆದಿದ್ದಾರೆ. ಇರಾನಿನವರ 'ಅಹುರ ಮಜ್ದಾ'ದ ಅಹುರನೂ ಇವನ ಅಣ್ಣತಮ್ಮನೇ. ಆ ಪದದ ಬೇರು 'ಅಸು', ಎಂದರೆ ಪ್ರಾಣ. ಅದರಲ್ಲಿ ನಿಷೇಧದ 'ಅ'ಕಾರವೇ ಇಲ್ಲ. ಕಾಲ ಕಳೆದಂತೆ ಅಸುರನ ಹೆಸರು ಕೆಟ್ಟಿತು. ಹೆಸರು ಕೆಟ್ಟವನ ತಲೆಯ ಮೇಲೆ 'ಅ' ಕಂಡರೆ ಅದು 'ಅಲ್ಲ'ದ 'ಅ'ವೇ ಇರಬೇಕು ಎಂದು ಜನ ತಿಳಿದರು. ಹಾಗಾದರೆ ಅದನ್ನು ಕಳಚಿದರೆ ಒಳ್ಳೆಯವನು ಸಿಗಬೇಕಲ್ಲ? ಸಿಕ್ಕ, ಅವನೇ ಸುರ. ಅಮರಕೋಶದ ದೇವತೆಗಳ ಪಟ್ಟಿಯಲ್ಲಿ ಸುರನೂ ಗತ್ತಿನಿಂದ ಕೂತಿದ್ದಾನೆ. ಅದೇ ಪಟ್ಟಿಯ ಮೊದಲ ಎರಡು ಹೆಸರು ನೋಡಿ: ಅಮರ, ನಿರ್ಜರ. ಸಾಯದವನು, ಮುಪ್ಪಾಗದವನು. ದೇವರನ್ನು ಪರಿಚಯಿಸಲು ಹೊರಟವರಿಗೂ ಮೊದಲು ನೆನಪಾದದ್ದು ಅವನಿಗೆ ಏನೇನಿಲ್ಲ ಎನ್ನುವುದೇ!

ಗಂಡನ ಕಥೆ ಇದಕ್ಕಿಂತ ಘೋರ. 'ವಿಧವಾ' ಬಹಳ ಹಳೆಯ ಪದ. ಲ್ಯಾಟಿನ್ನಿನ 'ವಿದುವಾ', ಇಂಗ್ಲಿಷಿನ 'ವಿಡೋ' ಎಲ್ಲ ಒಂದೇ ಮನೆತನ. ಅದರ 'ವಿ' ಬೇರ್ಪಡಿಸಿ ಕೀಳುವಂಥದ್ದಲ್ಲ, ಮೂಲದಲ್ಲೇ ಅಂಟಿಕೊಂಡಿರುವುದು. ಆದರೆ ಪಂಡಿತರು ಸುಮ್ಮನೆ ಬಿಡುತ್ತಾರೆಯೇ? 'ವಿ' ಎಂದರೆ ಇಲ್ಲದ. ಇವಳಿಗೆ ಇಲ್ಲದ್ದು ಗಂಡ. ಆದ್ದರಿಂದ 'ಧವ' ಎಂದರೆ ಗಂಡ ಎಂದು ಲೆಕ್ಕ ಬಿಡಿಸಿದರು. ಮಾಧವ ಎಂದರೆ 'ಮಾ', ಅಂದರೆ ಲಕ್ಷ್ಮಿಯ ಧವ ಎಂದು ವ್ಯಾಖ್ಯಾನವೂ ಬಂತು. ಭಾಷೆಯಲ್ಲಿ ವಿಧವೆ ಮೊದಲು ಬಂದಳು, ಗಂಡ ಆಮೇಲೆ ಹುಟ್ಟಿದ. ಮನೆಯಲ್ಲಿ ಇದನ್ನು ಓದಿ ಹೇಳಿದಾಗ, "ಇದ್ದಾಗ ಲೆಕ್ಕಕ್ಕಿಲ್ಲ, ಹೋದಮೇಲೆ ಪದ ಬೇಕು" ಎಂಬ ಟೀಕೆ ಒಗ್ಗರಣೆಯ ಸದ್ದಿನ ಜೊತೆಗೇ ಬಂತು. ಅದು ಪಂಡಿತರ ಮೇಲೋ ನನ್ನ ಮೇಲೋ ಎಂದು ವಿಚಾರಿಸುವ ಗೋಜಿಗೆ ನಾನು ಹೋಗಲಿಲ್ಲ.

ಅಚ್ಚಗನ್ನಡಕ್ಕೆ ಈ ತಲೆ ಕೊಯ್ಯುವ ಸೌಭಾಗ್ಯವಿಲ್ಲ. ನಮ್ಮ 'ಇಲ್ಲ', 'ಅಲ್ಲ', 'ಬೇಡ', 'ಒಲ್ಲೆ' ಎಲ್ಲ ಬಾಲದಲ್ಲಿರುತ್ತವೆ. ವಾಕ್ಯ ಮುಗಿಯುವವರೆಗೆ ಎದುರಿನವನು ಕೊಡುತ್ತಾನೋ ಬಿಡುತ್ತಾನೋ ತಿಳಿಯುವುದಿಲ್ಲ. ನನ್ನನ್ನು ಕೇಳಿದರೆ 'ಡಿಸ್‌ಗ್ರಂಟಲ್ಡ್'ಗೆ 'ಅತೃಪ್ತ' ಬಹಳ ಸೌಮ್ಯವಾಯಿತು. ಸರಿಯಾದ ಕನ್ನಡ 'ಒಲ್ಲದ' ಎಂಬುದು. ಒಲ್ಲದ ಗಂಡನಿಗೆ ಮೊಸರಲ್ಲೂ ಕಲ್ಲು ಎಂಬ ಗಾದೆಯಲ್ಲಿ ಒಂದು ಸಮ್ಮಿಶ್ರ ಸರ್ಕಾರದ ಪೂರ್ತಿ ಇತಿಹಾಸವಿದೆ.

'ಗ್ರಂಟಲ್ಡ್'ಗೆ ಕನ್ನಡ ಹುಡುಕುವುದಂತೂ ಬೇಕೇ ಇಲ್ಲ. ಕೊಟ್ಟದ್ದು ಸಾಕೆನಿಸಿದರೆ ಸಾಕೆನ್ನಬಾರದು ಎಂಬ ಅಲಿಖಿತ ಕಟ್ಟಳೆಯಲ್ಲಿ ಬೆಳೆದವರು ನಾವು. ಅದಕ್ಕೇ ನಮ್ಮ ಬಳಿ 'ಪರವಾಗಿಲ್ಲ' ಇದೆ. ಪಾರಸಿಯಿಂದ ಬಂದ 'ಪರವಾ'ಕ್ಕೆ ನಮ್ಮ 'ಇಲ್ಲ'ವನ್ನು ಕಟ್ಟಿ ಮಾಡಿಕೊಂಡದ್ದು. ಹುಡುಗ ಹೇಗೆ ಎಂದರೆ ಪರವಾಗಿಲ್ಲ, ಅದೊಂದೇ ಮಾತಿನ ಮೇಲೆ ಛತ್ರ ಬುಕ್ಕಾಗುತ್ತದೆ. ರ‍್ಯಾಂಕು ಬಂದರೂ ಪರವಾಗಿಲ್ಲ, ಕಾಲು ತುಳಿದರೂ ಪರವಾಗಿಲ್ಲ. ಇಂಗ್ಲಿಷ್ ಲೇಖಕ ಆರ್ವೆಲ್ 1946ರ ತನ್ನ ಪ್ರಬಂಧವೊಂದರಲ್ಲಿ ಇಂಗ್ಲಿಷರ ಇಂಥ ಚಾಳಿಯನ್ನು, ಒಳ್ಳೆಯದನ್ನು 'ಒಳ್ಳೆಯದಲ್ಲದ್ದಲ್ಲ' ಎಂಬ ಹಾಗೆ ಸುತ್ತಿ ಹೇಳುವುದನ್ನು, ಚೆನ್ನಾಗಿ ಗೇಲಿ ಮಾಡಿದ್ದಾನೆ. ಒಂದು ನಾಯಿಯ ಬಗ್ಗೆ ಹಾಸ್ಯದ ವಾಕ್ಯ ಹೊಸೆದು, ಇದನ್ನು ಬಾಯಿಪಾಠ ಮಾಡಿದರೆ ಕಾಯಿಲೆ ವಾಸಿಯಾಗುತ್ತದೆ ಎಂದ. ಧಾರವಾಡದ ಕಡೆ ಬಂದಿದ್ದರೆ ಅವನು ಆ ಚಿಕಿತ್ಸೆ ಕೈಬಿಡುತ್ತಿದ್ದನೇನೋ.

ಅಲ್ಲಿ ನನ್ನ ಸೋದರಮಾವ ಇದ್ದಾರೆ. ಹೋದ ವರ್ಷ ಅವರ ಮೊಮ್ಮಗಳ ಮದುವೆ. ಪಂಕ್ತಿಯಲ್ಲಿ ನನ್ನ ಪಕ್ಕದಲ್ಲೇ ಕೂತಿದ್ದರು. ಹೋಳಿಗೆ ಬಂತು, ಅದರ ನಡುವೆ ಬೆರಳಿನಿಂದ ಒಂದು ಗುಳಿ ಮಾಡಿ ತುಪ್ಪ ಹೊಯ್ಯಿಸಿಕೊಂಡರು. ಅದು ಖಾಲಿಯಾಯಿತು. ಮತ್ತೊಂದು ಬಂತು, ಅದಕ್ಕೂ ಗುಳಿ. ಬಡಿಸುವ ಹುಡುಗ ತುಪ್ಪದ ಗಿಂಡಿ ಹಿಡಿದು ಅವರೆದುರೇ ಠಿಕಾಣಿ ಹಾಕಿದ್ದ. ಅಡುಗೆಯ ಭಟ್ಟರು ಪಂಚೆಗೆ ಕೈ ಒರೆಸಿಕೊಳ್ಳುತ್ತ ಬಂದು, "ಹೆಂಗಾಗೇದ್ರಿ ಯಜಮಾನ್ರ ಹೋಳಿಗಿ?" ಎಂದು ಬಗ್ಗಿ ಕೇಳಿದರು.

"ಅಡ್ಡಿ ಇಲ್ಲ" ಎಂದರು ಮಾವ.

ಭಟ್ಟರ ಮುಖ ಊರಗಲ ಅರಳಿತು. ಒಳಗೆ ತಿರುಗಿ, "ಏ, ಹಿರೇರಿಗೆ ಇನ್ನೆರಡು ತಾರೋ!" ಎಂದು ಕೂಗಿದರು. ಮಾವ ಬೇಡ ಎನ್ನುತ್ತ ಎಲೆಯ ಮೇಲೆ ಕೈ ಅಡ್ಡ ಹಿಡಿದರು, ಬೆರಳುಗಳ ನಡುವೆ ಹೋಳಿಗೆ ಜಾರುವಷ್ಟು ಸಂದು ಬಿಟ್ಟು.