ಚಕ್ರನಿರ್ಣಯ ಮೀಮಾಂಸೆ ಅಥವಾ ಕಾಂಪ್ಯಾಕ್ಟ್ ಸೆಡಾನಿಗೆ ತಕ್ಕ ರಿಮ್ಮು ಯಾವುದು?

ಅನುಬಂಧ ಚತುಷ್ಟಯ

ಶಾಸ್ತ್ರಗ್ರಂಥ ಯಾವುದೇ ಇರಲಿ, ನಾಲ್ಕು ಪ್ರಶ್ನೆಗಳಿಗೆ ಉತ್ತರ ಕೊಟ್ಟೇ ಮುಂದುವರಿಯಬೇಕೆಂಬುದು ಹಿರಿಯರ ಕಟ್ಟಳೆ: ವಿಷಯವೇನು, ಪ್ರಯೋಜನವೇನು, ಇವೆರಡರ ಸಂಬಂಧವೇನು, ಓದಲು ಅಧಿಕಾರಿ ಯಾರು. ಈ ಪ್ರಬಂಧದ ವಿಷಯ, ಕಾಂಪ್ಯಾಕ್ಟ್ ಸೆಡಾನಿನ ರಿಮ್ಮು ಮತ್ತು ಟೈರು. ಪ್ರಯೋಜನ, ಹೊಂಡಗಳಿಂದ ಬಿಡುಗಡೆ. ಸಂಬಂಧ, ಚಕ್ರಕ್ಕೆ ನಾಲ್ಕರಂತೆ ನಟ್ಟುಗಳು. ಅಧಿಕಾರಿಯ ಲಕ್ಷಣ ಹೀಗೆ: ಸಾಲದಲ್ಲಿ ಕಾರು ಕೊಂಡಿರಬೇಕು, ಮೂರನೆಯ ಕಂತು ಕಟ್ಟುವ ಹೊತ್ತಿಗೆ ಅದರ ಚಕ್ರಗಳನ್ನು ಕಂಡು ಖಿನ್ನನಾಗಿರಬೇಕು, ಎದುರುಮನೆಯ ಕಾರನ್ನು ಓರೆಗಣ್ಣಿನಿಂದ ನೋಡುವ ಅಭ್ಯಾಸವಿರಬೇಕು. ಎಸ್‌ಯುವಿ ಕೊಂಡವರಿಗೆ ಇಲ್ಲಿ ಪ್ರವೇಶವಿಲ್ಲ. ಅವರ ಖಿನ್ನತೆಗೆ ಬೇರೆ ಶಾಸ್ತ್ರವಿದೆ.

1. ಲಕ್ಷಣ ನಿರೂಪಣೆ

ಕಾಂಪ್ಯಾಕ್ಟ್ ಸೆಡಾನ್ ಎಂದರೇನು? ‘ಡಿಕ್ಕಿ ಇರುವ ಗಿಡ್ಡ ಕಾರು’ ಎಂದರೆ ಅತಿವ್ಯಾಪ್ತಿ ದೋಷ. ನಮ್ಮ ಹಳೆಯ ಪ್ರೀಮಿಯರ್ ಪದ್ಮಿನಿಯೂ ಒಳಗೆ ಬಂದು ಕೂರುತ್ತದೆ. ‘ಚಿಕ್ಕದಾಗಿ ಕಾಣುವ ಸೆಡಾನ್’ ಎಂದರೆ ಅಸಂಭವ ದೋಷ. ಕಂತು ಕಟ್ಟುವವನಿಗೆ ಅದು ಎಂದೂ ಚಿಕ್ಕದಾಗಿ ಕಾಣದು. ನಿರ್ದುಷ್ಟವಾದ ಲಕ್ಷಣ ಇದು: ತೆರಿಗೆ ಉಳಿಸಲೆಂದು ನಾಲ್ಕು ಮೀಟರಿನೊಳಗೆ ಮುದುಡಿಕೊಂಡ ಸೆಡಾನೇ ಕಾಂಪ್ಯಾಕ್ಟ್ ಸೆಡಾನ್.

2006ರ ಕೇಂದ್ರ ಬಜೆಟ್ಟು ಸಣ್ಣ ಕಾರುಗಳ ಅಬಕಾರಿ ಸುಂಕ ಇಳಿಸಿತು. ಉದ್ದ 4 ಮೀಟರ್ ಮೀರಬಾರದು, ಎಂಜಿನ್ ಪೆಟ್ರೋಲಿನದಾದರೆ 1200 ಸಿಸಿ, ಡೀಸೆಲಿನದಾದರೆ 1500 ಸಿಸಿ ಮೀರಬಾರದು ಎಂದಿತು. 2008ರಲ್ಲಿ ಟಾಟಾದ ಇಂಡಿಗೊ ಸಿಎಸ್ ಮೊದಲು ಮುದುಡಿಕೊಂಡಿತು. ಅದೇ ವರ್ಷ 4160 ಮಿ.ಮೀ. ಉದ್ದದೊಂದಿಗೆ ಹುಟ್ಟಿದ ಸ್ವಿಫ್ಟ್ ಡಿಜೈರ್, 2012ರ ಅವತಾರದಲ್ಲಿ 3995 ಮಿ.ಮೀ.ಗೆ ಇಳಿಯಿತು. ಕಳೆದುಕೊಂಡದ್ದು 165 ಮಿ.ಮೀ. ಇದೇ ಕಾರಿನ ಕೆಳದರ್ಜೆಯ ಮಾದರಿಗೆ ಬರುವ ಟೈರಿನ ಅಗಲವೂ 165 ಮಿ.ಮೀ. ಲೌಕಿಕರು ಇದನ್ನು ಕಾಕತಾಳೀಯ ಎಂದಾರು. ಶಾಸ್ತ್ರಕಾರನಿಗೆ ಅಂಥ ಸೌಲಭ್ಯವಿಲ್ಲ. ಹಿಂದೆ ಕಳೆದುಕೊಂಡದ್ದನ್ನು ಈ ಕಾರು ಅಡಿಯಲ್ಲಿ ಮರಳಿ ಪಡೆದಿದೆ ಎಂದೇ ನಮ್ಮ ಪಕ್ಷ.

2. ಪರಂಪರೆ

ಪುರಾಣಗಳಲ್ಲಿ ಚಕ್ರ ಸುದ್ದಿಯಾಗುವುದು ಕೆಟ್ಟಾಗ ಮಾತ್ರ. ಯುದ್ಧದ ನಡುವೆ ದಶರಥನ ರಥದ ಕೀಲು ಕಳಚಿದಾಗ ಕೈಕೇಯಿ ಬೆರಳು ಕೊಟ್ಟು ಚಕ್ರ ನಿಲ್ಲಿಸಿದಳೆಂದು ಜನ ಹೇಳುತ್ತಾರೆ. ರಸ್ತೆಬದಿಯ ನೆರವಿಗೆ ಇಷ್ಟು ದುಬಾರಿ ಬಿಲ್ಲು ಇನ್ನೆಲ್ಲೂ ಬಂದಿಲ್ಲ: ಒಂದು ರಾಜ್ಯ, ಹದಿನಾಲ್ಕು ವರ್ಷದ ವನವಾಸ, ಕೊನೆಗೆ ಗಿರಾಕಿಯ ಪ್ರಾಣ. ಕುರುಕ್ಷೇತ್ರದಲ್ಲಿ ಕರ್ಣನ ರಥಚಕ್ರ ನೆಲ ಕಚ್ಚಿದ್ದರ ಬಗ್ಗೆ ವಿದ್ವಾಂಸರಲ್ಲಿ ಎರಡು ಬಣಗಳಿವೆ. ಟೈರು ಅಗಲವಿದ್ದರೆ ಹೂಳುತ್ತಿರಲಿಲ್ಲ ಎಂಬುದು ನವ್ಯರ ಮತ. ಶಾಪಕ್ಕೆ ಸೈಜು ಅನ್ವಯಿಸದು ಎಂಬುದು ಪ್ರಾಚೀನರ ಮತ.

ಗಾಳಿ ತುಂಬಿದ ಟೈರಿಗೆ ರಾಬರ್ಟ್ ವಿಲಿಯಂ ಥಾಮ್ಸನ್ 1845ರಲ್ಲೇ ಪೇಟೆಂಟ್ ಪಡೆದ. ಲೋಕ ಅದನ್ನು ಮರೆಯಿತು. 1888ರಲ್ಲಿ ಬೆಲ್‌ಫಾಸ್ಟಿನ ಪಶುವೈದ್ಯ ಜಾನ್ ಬಾಯ್ಡ್ ಡನ್‌ಲಪ್ ಮಗನ ಮೂರುಗಾಲಿ ಸೈಕಲ್ಲಿಗಾಗಿ ಅದನ್ನೇ ಮತ್ತೆ ಕಂಡುಹಿಡಿದ. ಥಾಮ್ಸನ್ನನ ಹಳೆಯ ಕಾಗದ ಎದುರಿಗೆ ಬಂದು ಡನ್‌ಲಪ್‌ನ ಪೇಟೆಂಟ್ ಬಿದ್ದುಹೋಯಿತು. ಆದರೂ ಹೆಸರು ಉಳಿದದ್ದು ಅವನದೇ. ಟೈರಿನ ಮೂಲ ಪಶುವೈದ್ಯದಲ್ಲಿದೆ ಎಂಬ ಈ ಸಂಗತಿಯನ್ನು ಓದುಗರು ನೆನಪಿಟ್ಟುಕೊಳ್ಳಬೇಕು. ರೋಗಿ ತನಗೆ ಎಲ್ಲಿ ನೋವೆಂದು ಬಾಯಿಬಿಟ್ಟು ಹೇಳದಿರುವುದು ಎರಡು ಶಾಸ್ತ್ರಗಳಿಗೂ ಸಮಾನ.

3. ಶಾಸನಪಾಠ

ಟೈರಿನ ಪಕ್ಕೆಯ ಮೇಲೆ ಉಬ್ಬಕ್ಷರಗಳಲ್ಲಿ ಒಂದು ಶಾಸನವಿದೆ. ಡಿಜೈರಿನ ಮೇಲ್ದರ್ಜೆಯ ಮಾದರಿಯದನ್ನೇ ಪಾಠಕ್ಕೆ ಎತ್ತಿಕೊಳ್ಳೋಣ: ‘185/65 ಆರ್15’. ಮುಂದೆ ‘88ಎಚ್’ ಎಂದಿದೆ ಎಂದುಕೊಳ್ಳಿ. 185 ಎಂದರೆ ಟೈರಿನ ಅಗಲ, ಮಿ.ಮೀ.ಗಳಲ್ಲಿ. 65 ಎಂದರೆ ಪಕ್ಕೆಯ ಎತ್ತರ, ಆ ಅಗಲದ ಶೇಕಡಾ ಲೆಕ್ಕದಲ್ಲಿ. 15 ಎಂದರೆ ರಿಮ್ಮಿನ ವ್ಯಾಸ, ಇಂಚುಗಳಲ್ಲಿ. ಒಂದೇ ಸಾಲಿನಲ್ಲಿ ಮಿಲಿಮೀಟರು, ಶೇಕಡಾ, ಇಂಚು ಮೂರನ್ನೂ ಹೊಸೆದ ಈ ಶಾಸನಕಾರ ಯಾವ ರಾಜನ ಕೈಕೆಳಗೆ ಕೆಲಸ ಮಾಡುತ್ತಿದ್ದನೋ, ಒಬ್ಬನಂತೂ ಇರಲಾರ.

‘ಆರ್’ ಅಕ್ಷರದ ವಿಷಯದಲ್ಲಿ ಒಂದು ಅಪಪಾಠ ನಾಡಿನಲ್ಲೆಲ್ಲ ಪ್ರಚಾರದಲ್ಲಿದೆ: ‘ಆರ್ ಅಂದ್ರೆ ರೇಡಿಯಸ್, ಸರ್.’ ಹಾಗಾಗಿದ್ದರೆ ರಿಮ್ಮೊಂದೇ ಮೂವತ್ತು ಇಂಚಾಗಿ, ಡಿಜೈರ್ ಹತ್ತಲು ಏಣಿ ಬೇಕಾಗುತ್ತಿತ್ತು. ಶುದ್ಧಪಾಠ ‘ರೇಡಿಯಲ್’. ಒಳಗಿನ ಎಳೆಗಳು ಈ ಅಂಚಿನಿಂದ ಆ ಅಂಚಿಗೆ ನೇರ ಅಡ್ಡಡ್ಡಲಾಗಿ ಹಾಯ್ದಿವೆ ಎಂದರ್ಥ; ಮಿಶೆಲಿನ್ ಕಂಪನಿ 1946ರಲ್ಲಿ ಇದಕ್ಕೆ ಪೇಟೆಂಟ್ ಪಡೆಯಿತು.

88 ಎಂಬುದು ಭಾರದ ಸಂಕೇತ: ಟೈರೊಂದಕ್ಕೆ 560 ಕಿಲೊ. ಎಚ್ ಎಂಬುದು ವೇಗದ ಸಂಕೇತ: ಗಂಟೆಗೆ 210 ಕಿ.ಮೀ. ಟಿ 190, ಯು 200, ವಿ 240. ಎಚ್ ತನ್ನ ಅಕ್ಷರಕ್ರಮ ಬಿಟ್ಟು ಯು ಮತ್ತು ವಿ ನಡುವೆ ನುಗ್ಗಿ ಕೂತಿರುವುದರಿಂದ, ಲೇನ್ ಶಿಸ್ತು ಮುರಿದ ಮೊದಲ ಅಕ್ಷರ ಎಂಬ ಕೀರ್ತಿ ಅದಕ್ಕೇ ಸಲ್ಲಬೇಕು. ಬೆಂಗಳೂರು–ಮೈಸೂರು ಹೆದ್ದಾರಿಯಲ್ಲಿ ಕಾರಿನ ವೇಗದ ಮಿತಿ 100. ಉಳಿದ 110ನ್ನು ಟೈರು ತನ್ನ ಮನಸ್ಸಿನಲ್ಲೇ ಇಟ್ಟುಕೊಳ್ಳಬೇಕು.

4. ಪೂರ್ವಪಕ್ಷ

ನವ್ಯರು ಹೀಗೆ ವಾದಿಸುತ್ತಾರೆ. ಒಂದು: ಕೆಳದರ್ಜೆಯ ಮಾದರಿಗೆ 14 ಇಂಚು, ಮೇಲ್ದರ್ಜೆಗೆ 15 ಇಂಚು, ಆದ್ದರಿಂದ ಇಂಚು ಏರಿದಷ್ಟೂ ಮನುಷ್ಯನ ದರ್ಜೆ ಏರುತ್ತದೆ. ಎರಡು: ಟೈರು ಅಗಲವಾದಷ್ಟೂ ಹಿಡಿತ ಹೆಚ್ಚು. ಮೂರು: ಕಪ್ಪು ಪ್ಲಾಸ್ಟಿಕ್ ಕ್ಯಾಪಿನೊಳಗೆ ಅಡಗಿದ ಸ್ಟೀಲ್ ರಿಮ್ಮನ್ನು ಹೊತ್ತ ಕಾರನ್ನು ಮದುವೆ ಛತ್ರದ ಮುಂದೆ ನಿಲ್ಲಿಸಿದರೆ, ‘ಟ್ಯಾಕ್ಸಿ ಹೊರಗೆ ಹಾಕಪ್ಪ’ ಎಂದು ಕಾವಲುಗಾರ ಹೇಳುತ್ತಾನೆ. ಆದ್ದರಿಂದ 17 ಇಂಚಿನ ಡೈಮಂಡ್ ಕಟ್ ಅಲಾಯ್ ಹಾಕಿಸುವುದೇ ಪುರುಷಾರ್ಥ.

ಮೂರನೆಯ ವಾದ ಬಲವಾಗಿದೆ ಎಂಬುದನ್ನು ಸಿದ್ಧಾಂತಿಯೂ ಒಪ್ಪುತ್ತಾನೆ.

5. ಖಂಡನೆ

ಲೆಕ್ಕ ಹಾಕೋಣ. 165/80 ಆರ್14ರ ಪಕ್ಕೆ 132 ಮಿ.ಮೀ., ಚಕ್ರದ ಒಟ್ಟು ವ್ಯಾಸ 620 ಮಿ.ಮೀ. 185/65 ಆರ್15ರ ಪಕ್ಕೆ 120, ವ್ಯಾಸ 621. 195/55 ಆರ್16 ಹಾಕಿದರೆ ಪಕ್ಕೆ 107, ವ್ಯಾಸ ಅದೇ 621. 205/45 ಆರ್17ಕ್ಕೆ ಏರಿದರೆ ಪಕ್ಕೆ 92, ವ್ಯಾಸ 616. ಅಂದರೆ ಮೂರು ಇಂಚು ಏರಿದವನ ಕಾರು ಒಂದು ಕೂದಲೆಳೆಯಷ್ಟೂ ಎತ್ತರವಾಗಲಿಲ್ಲ, 17ಕ್ಕೆ ಮುಟ್ಟುವಾಗ ತುಸು ಕುಸಿಯಿತು. ಲೋಹ ಹೆಚ್ಚಿತು, ರಬ್ಬರು ತಗ್ಗಿತು. 14 ಇಂಚಿನವನು ತಟ್ಟೆ ಇಡ್ಲಿಯ ಮೇಲೆ ಕೂತು ಸವಾರಿ ಮಾಡಿದರೆ, 17ರವನು ನೀರುದೋಸೆಯ ಮೇಲೆ ಕೂತಿರುತ್ತಾನೆ.

ಹೊಂಡದ ಅಂಚಿಗೂ ರಿಮ್ಮಿನ ಅಂಚಿಗೂ ನಡುವೆ ಇರುವುದು ಈ ಪಕ್ಕೆಯೊಂದೇ. ಅದು ತೆಳುವಾದರೆ ಎರಡರ ನಡುವೆ ಚಿವುಟಿಸಿಕೊಂಡು ಒಳಗಿನ ಎಳೆಗಳು ಹರಿಯುತ್ತವೆ. ಹೊರಗೆ ಉಬ್ಬು ಏಳುತ್ತದೆ. ‘ಬಲ್ಜ್ ಬಂದಿದೆ ಸರ್, ಇದಕ್ಕೆ ಪ್ಯಾಚ್ ಆಗಲ್ಲ’ ಎಂಬ ಟೈರಂಗಡಿಯ ವಾಕ್ಯ ಆಗಲೇ ಕಿವಿಗೆ ಬೀಳುವುದು. ಸ್ಟೀಲ್ ರಿಮ್ಮು ಪೆಟ್ಟಿಗೆ ಬಾಗುತ್ತದೆ, ಸುತ್ತಿಗೆಗೆ ಮತ್ತೆ ನೇರವಾಗುತ್ತದೆ. ಎರಕದ ಅಲ್ಯುಮಿನಿಯಂ ರಿಮ್ಮು ಸ್ವಾಭಿಮಾನಿ. ಬಾಗುವ ಬದಲು ಸೀಳುವುದೇ ಅದಕ್ಕೆ ಮೇಲು.

ಅಗಲದಿಂದ ಹಿಡಿತ ಎಂಬ ಎರಡನೆಯ ವಾದ ಒಣ ರಸ್ತೆಯಲ್ಲಿ ಸ್ವಲ್ಪ ನಿಲ್ಲುತ್ತದೆ. ಶಿರಾಡಿ ಘಾಟಿಯ ಜುಲೈ ತಿಂಗಳಿಗೆ ಬಂದರೆ ತೇಲಿಹೋಗುತ್ತದೆ: ನಿಂತ ನೀರನ್ನು ಸೀಳಿಕೊಂಡು ನೆಲ ಮುಟ್ಟುವುದು ಅಗಲದ ಟೈರಿಗೆ ಹೆಚ್ಚು ಕಷ್ಟ, ತೇಲುವುದು ಹೆಚ್ಚು ಸುಲಭ. ಜತೆಗೆ ಭಾರದ ಚಕ್ರ ಉರುಳಿಸಲು ಹೆಚ್ಚಿನ ಪೆಟ್ರೋಲು ಬೇಕು. ಮೈಲೇಜಿಗೆಂದೇ ಈ ಕಾರು ಕೊಂಡವನು ಮೈಲೇಜು ಕೊಟ್ಟು ರಿಮ್ಮು ಕೊಂಡರೆ, ತರ್ಕಶಾಸ್ತ್ರ ಅದನ್ನು ಸ್ವಮತವಿರೋಧ ಎನ್ನುತ್ತದೆ. ಮನೆಯಲ್ಲಿ ಅದಕ್ಕೆ ಇನ್ನೂ ಸರಳವಾದ ಮಾತಿದೆ.

ಇನ್ನೊಂದು ಅಡ್ಡದಾರಿ: ರಿಮ್ಮು 15ರದೇ ಇರಲಿ, ಟೈರು ಮಾತ್ರ 205/65ರದು ಹಾಕೋಣ ಎಂಬುದು. ಆಗ ವ್ಯಾಸ 647 ಮಿ.ಮೀ. ದಾಟಿ, ಮೊದಲಿಗಿಂತ ಶೇ. 4ಕ್ಕೂ ಹೆಚ್ಚಾಗುತ್ತದೆ. ಮೀಟರು ಓಡಿದ್ದಕ್ಕಿಂತ ಕಡಿಮೆ ಓಟ ಬರೆಯುತ್ತದೆ. ಮಾರುವಾಗ ಇದು ಲಾಭ, ಪೆಟ್ರೋಲ್ ಲೆಕ್ಕ ಹಾಕುವಾಗ ದುಃಖ, ವೇಗದ ಕ್ಯಾಮೆರಾದ ಮುಂದೆ ದಂಡ. ವ್ಯಾಸದ ವ್ಯತ್ಯಾಸ ಶೇ. 3ನ್ನು ದಾಟಬಾರದೆಂಬುದು ಕಸುಬುದಾರರ ರೂಢಿ.

6. ರಸವಿಚಾರ

ಇಲ್ಲಿಗೆ ಯಂತ್ರಶಾಸ್ತ್ರ ಮುಗಿಯಿತು. ಆದರೆ ಲೆಕ್ಕದಿಂದ ಮನಸ್ಸು ಬದಲಿಸಿಕೊಂಡ ಅಲಾಯ್‌ಪ್ರೇಮಿಯನ್ನು ಯಾರೂ ಕಂಡಿಲ್ಲವಾದ್ದರಿಂದ, ಕಾವ್ಯಮೀಮಾಂಸೆಯ ಮೊರೆಹೋಗುವುದು ಅನಿವಾರ್ಯ.

ರಸ ನಿಷ್ಪತ್ತಿಯಾಗುವುದು ಸಹೃದಯನಲ್ಲಿ. ಹಾಗಾದರೆ ಅಲಾಯ್ ಚಕ್ರದ ಸಹೃದಯ ಯಾರು? ಮಾಲೀಕನಂತೂ ಅಲ್ಲ. ಅವನು ಸ್ಟಿಯರಿಂಗ್ ಹಿಡಿದು ಒಳಗೆ ಕೂತಿದ್ದಾನೆ. ಸ್ವಂತ ಚಕ್ರ ಕಾಣುವಂತೆ ಕಿಟಕಿ ಇಟ್ಟ ಕಾರನ್ನು ಯಾರೂ ತಯಾರಿಸಿಲ್ಲ. ಚಕ್ರವನ್ನು ಕಣ್ತುಂಬ ನೋಡುವವನು ಪಕ್ಕದ ಆಟೋ ಚಾಲಕ. ಅವನಿಗೂ ಕಾರು ಓಡುವಾಗ ಬರೀ ಬೂದುಬಣ್ಣದ ಸುಳಿಯಷ್ಟೇ ಕಾಣುತ್ತದೆ. ಕಡ್ಡಿಗಳ ಕುಸುರಿ ಕಾಣಬೇಕಾದರೆ ಕಾರು ನಿಲ್ಲಬೇಕು. ಆದ್ದರಿಂದ ಅಲಾಯ್ ಚಕ್ರದ ರಸಾನುಭವಕ್ಕೆ ಭೂಮಂಡಲದಲ್ಲಿ ಬೆಂಗಳೂರಿನ ಸಿಲ್ಕ್ ಬೋರ್ಡ್ ಜಂಕ್ಷನ್ನಿಗಿಂತ ಮಿಗಿಲಾದ ರಂಗಮಂದಿರವಿಲ್ಲ. ಅಲ್ಲಿ ಪ್ರತಿಯೊಂದು ಕಡ್ಡಿಯನ್ನೂ ಎಣಿಸಿ, ಮತ್ತೊಮ್ಮೆ ಎಣಿಸಿ ತಾಳೆ ನೋಡುವಷ್ಟು ವ್ಯವಧಾನ ಸಿಗುತ್ತದೆ.

ಈ ಸತ್ಯವನ್ನು ರಿಸರ್ವ್ ಬ್ಯಾಂಕು ನಮಗಿಂತ ಮೊದಲೇ ಕಂಡುಕೊಂಡಿದೆ. ಐವತ್ತರ ಹೊಸ ನೋಟಿನ ಹಿಂದೆ ಹಂಪಿಯ ಕಲ್ಲಿನ ರಥವಿದೆ, ಹತ್ತರ ಹೊಸ ನೋಟಿನ ಹಿಂದೆ ಕೋನಾರ್ಕದ ಸೂರ್ಯ ದೇಗುಲವಿದೆ. ಎರಡರ ಚಕ್ರಗಳೂ ಇಂದು ತಿರುಗುವುದಿಲ್ಲ. ಪಂಕ್ಚರಿಲ್ಲ, ಅಲೈನ್‌ಮೆಂಟಿಲ್ಲ, ಪಕ್ಕೆಯ ಎತ್ತರ ಸೊನ್ನೆ. ಚಕ್ರದ ಸೌಂದರ್ಯಕ್ಕೂ ಅದರ ಚಲನೆಗೂ ನಂಟಿಲ್ಲ ಎಂಬುದಕ್ಕೆ ಚಲಾವಣೆಯ ನೋಟಿಗಿಂತ ದೊಡ್ಡ ಆಧಾರ ಬೇಕೆ?

ಹೀಗೆ ಈ ಶಾಸ್ತ್ರದ ಮಹಾಸೂತ್ರ ಸಿದ್ಧಿಸುತ್ತದೆ: ‘ಆಸ್ವಾದ ಪರರದು, ಆಘಾತ ಸ್ವಂತದ್ದು.’ ದೊಡ್ಡ ರಿಮ್ಮಿನ ಹೊಳಪು ಬೀದಿಯವರ ಪಾಲು. ಅದಕ್ಕಾಗಿ ತೆತ್ತ ಹಣ, ಹೊಂಡದ ಪೆಟ್ಟು, ಬೆನ್ನುಹುರಿಯ ಕೆಳಭಾಗ ಮಾಲೀಕನ ಪಾಲು. ಇಷ್ಟು ನಿಸ್ವಾರ್ಥವಾದ ದಾನವನ್ನು ಧರ್ಮಶಾಸ್ತ್ರಗಳು ಏಕೆ ಪಟ್ಟಿಮಾಡಲಿಲ್ಲವೋ ತಿಳಿಯದು.

7. ಪ್ರಮಾಣವಿಚಾರ

ಸರಿಯಾದ ಸೈಜನ್ನು ತಿಳಿಯುವ ದಾರಿ ಯಾವುದು? ಪ್ರತ್ಯಕ್ಷ ಎಂದರೆ, ಜೆ.ಸಿ. ರಸ್ತೆಯ ಅಂಗಡಿಯ ಗೋಡೆಗೆ ತೂಗುಹಾಕಿದ ರಿಮ್ಮನ್ನು ಝಗಝಗಿಸುವ ದೀಪದಡಿ ನೋಡುವುದು. ಭ್ರಾಂತಿಗೆ ಆಸ್ಪದವಿರುವುದರಿಂದ ತ್ಯಾಜ್ಯ. ಉಪಮಾನ ಎಂದರೆ, ಭಾವನ ಕಾರಿನಂತೆಯೇ ಮಾಡಿಸುವುದು. ಭಾವನ ಕಾರು ಬೇರೆ, ಭಾವನೂ ಬೇರೆ. ಆಪ್ತವಾಕ್ಯ ಎಂದರೆ ‘ಏನೂ ಆಗಲ್ಲ ಹಾಕಿಸ್ಕೊಳ್ಳಿ ಸರ್’ ಎಂಬ ಅಂಗಡಿಯ ಮಾತು. ವಕ್ತೃವಿಗೆ ಲಾಭವಿರುವ ಕಡೆ ಆಪ್ತತ್ವ ಸಿದ್ಧಿಸದು.

ಉಳಿದದ್ದು ಒಂದೇ: ಚಾಲಕನ ಬಾಗಿಲು ತೆರೆದರೆ ಕಂಬದ ಮೇಲೆ ಕಾಣುವ ಸ್ಟಿಕ್ಕರು. ಟೈರಿನ ಸೈಜು, ತುಂಬಬೇಕಾದ ಗಾಳಿ ಎರಡೂ ಅಲ್ಲಿವೆ. ಅಂಟಿಸಿದವರನ್ನು ಯಾರೂ ಕಂಡಿಲ್ಲ. ಓದಿದವರನ್ನಂತೂ ಇಲ್ಲವೇ ಇಲ್ಲ. ಅಪೌರುಷೇಯತ್ವಕ್ಕೆ ಬೇಕಾದ ಲಕ್ಷಣಗಳೆಲ್ಲ ಕೂಡಿಬಂದಿರುವುದರಿಂದ ಅದೇ ಪರಮ ಪ್ರಮಾಣ.

8. ಸೂತ್ರಗಳು

‘ನಟ್ಟು ಕೂಡದೆ ನಂಟಿಲ್ಲ.’ ಭಾಷ್ಯ: ಡಿಜೈರ್, ಅಮೇಜ್, ಆರಾಗಳ ನಾಲ್ಕು ಬೋಲ್ಟುಗಳು 100 ಮಿ.ಮೀ. ವ್ಯಾಸದ ವೃತ್ತದ ಮೇಲಿವೆ. ಫೋರ್ಡ್ ಆಸ್ಪೈರಿನದು 108. ಎಂಟು ಮಿಲಿಮೀಟರು ಅಷ್ಟೇ ಅಲ್ಲವೇ ಎಂದು ಬಡಿದು ಕೂರಿಸುವುದು ಶಾಸ್ತ್ರಸಮ್ಮತವಲ್ಲ. ನಡುವಿನ ರಂಧ್ರ ಸುಜುಕಿಯದು 54.1 ಮಿ.ಮೀ., ಹೋಂಡಾದ್ದು 56.1, ರಿಮ್ಮಿನ ರಂಧ್ರ ದೊಡ್ಡದಿದ್ದರೆ ಹಬ್ ರಿಂಗ್ ಬೇಕು, ಇಲ್ಲವಾದರೆ ವೇಗದಲ್ಲಿ ಸ್ಟಿಯರಿಂಗು ಕಂಪಿಸುತ್ತದೆ. ಆಫ್‌ಸೆಟ್ ಕಡಿಮೆಯಾದರೆ ಚಕ್ರ ಹೊರಗೆ ಇಣುಕಿ, ಐದು ಜನ ಕೂತಾಗ ಮಡ್‌ಗಾರ್ಡಿಗೆ ಉಜ್ಜುತ್ತದೆ.

‘ಭಾರ ಇಳಿಸಬೇಡ.’ ಭಾಷ್ಯ: ಹೊಸ ಟೈರಿನ ಭಾರಸಂಕೇತವೂ ವೇಗಸಂಕೇತವೂ ಹಳೆಯದಕ್ಕಿಂತ ಕಡಿಮೆ ಇರಕೂಡದು.

‘ಜಾತಕ ನೋಡಿ ಕೊಳ್ಳು.’ ಭಾಷ್ಯ: ಪಕ್ಕೆಯ ಮೇಲಿನ ನಾಲ್ಕಂಕಿಯ ಸಂಖ್ಯೆ ಟೈರಿನ ಜನ್ಮವಾರ. 2224 ಎಂದಿದ್ದರೆ 2024ರ 22ನೆಯ ವಾರ. ವರನ ಜಾತಕಕ್ಕೆ ಮೂರು ಜೋಯಿಸರನ್ನು ಕೇಳುವ ನಾಡು ಇದನ್ನು ನೋಡದೆ ಹಣ ಕೊಡುತ್ತದೆ. ಐಎಸ್‌ಐ ಗುರುತೂ ಅಲ್ಲೇ ಇರುತ್ತದೆ, ನೋಡಿಕೊಳ್ಳಿ.

‘ಗಾಳಿಯಲ್ಲಿ ಗಾಳಿಯೇ ಇದೆ.’ ಭಾಷ್ಯ: ನೈಟ್ರೋಜನ್ ತುಂಬಿಸಿದವನು ಹಸಿರು ಕ್ಯಾಪು ತೋರಿಸಿ ಬೀಗುತ್ತಾನೆ. ಪುಕ್ಕಟೆ ಗಾಳಿಯಲ್ಲೂ ಶೇ. 78 ನೈಟ್ರೋಜನ್ನೇ. ಯಾವ ಗಾಳಿ ಎಂಬುದಕ್ಕಿಂತ ಎಷ್ಟು ಗಾಳಿ ಎಂಬುದು ಮುಖ್ಯ. ಅದನ್ನು ಟೈರು ತಣ್ಣಗಿರುವಾಗ ನೋಡಬೇಕು.

‘ಸವೆದದ್ದು ಹೇಳುತ್ತದೆ.’ ಭಾಷ್ಯ: ಟ್ರೆಡ್ಡಿನ ಕಣಿವೆಗಳಲ್ಲಿ ಅಡ್ಡಗಟ್ಟೆಗಳಿವೆ. ಕಣಿವೆಯ ಆಳ 1.6 ಮಿ.ಮೀ.ಗೆ ಇಳಿದಾಗ ಅವು ಮೇಲ್ಮೈಗೆ ಸಮನಾಗುತ್ತವೆ. ಆಮೇಲೆ ರಿಮ್ಮಿನ ಇಂಚಿನ ಚರ್ಚೆ ನಿರರ್ಥಕ.

9. ಫಲಶ್ರುತಿ

ಈ ಪ್ರಬಂಧವನ್ನು ಟೈರಂಗಡಿಯ ಸ್ಟೂಲಿನ ಮೇಲೆ ಕೂತು ಓದಿದವನು 15 ಇಂಚಿನಲ್ಲೇ ತೃಪ್ತನಾಗಿ ಮನೆ ಸೇರುತ್ತಾನೆ. ಮನೆಯವರಿಗೆ ಓದಿ ಹೇಳಿದವನು ಉಳಿದ ಹಣದ ಲೆಕ್ಕ ಕೊಡಬೇಕಾಗುತ್ತದೆ. ಅಲಾಯ್ ಬೇಕೇ ಬೇಕೆನ್ನುವವನು ಸ್ಟಿಕ್ಕರಿನಲ್ಲಿರುವ ಸೈಜಿನದನ್ನೇ ಕೊಂಡರೆ ಪಾಪದ ಅರ್ಧ ಕಳೆಯುತ್ತದೆ. ಇಷ್ಟೆಲ್ಲ ಕೇಳಿಯೂ 17ನ್ನೇ ಹಾಕಿಸುವವನಿಗೆ ಶಾಸ್ತ್ರದಲ್ಲಿ ಪ್ರಾಯಶ್ಚಿತ್ತವಿಲ್ಲ. ಅವನಿಗಾಗಿ ಜೆ.ಸಿ. ರಸ್ತೆಯಲ್ಲಿ ಇಎಂಐ ಇದೆ.