ಕಲಸಬಾರದ ಎಲೆ

ಆಟ ಬಾರದವನಿಗೆ ನಮ್ಮ ಗುಡೇಮಾರನಹಳ್ಳಿಯಲ್ಲಿ ಇದ್ದ ಜಾಗ ಒಂದೇ: ಆಡುವವರ ಬೆನ್ನ ಹಿಂದೆ. ಅಲ್ಲಿ ಕುಕ್ಕರಗಾಲಲ್ಲಿ ಕೂತು ನೋಡಬೇಕು. ಬಾಯಿ ಬಿಟ್ಟರೆ ‘ಎದ್ದೋಗ್ಲಾ’ ಅನ್ನುತ್ತಾರೆ, ಸುಮ್ಮನಿದ್ದರೆ ಬೀಡಿ ತರಲು ಕಳಿಸುತ್ತಾರೆ. ಚೌಕಾಬಾರದಲ್ಲಿ ಎದುರಾಳಿಯ ಒಂದು ಕಾಯನ್ನಾದರೂ ಹೊಡೆಯದೆ ಒಳಮನೆಗೆ ನುಗ್ಗುವ ಹಾಗಿಲ್ಲ ಎಂಬುದನ್ನು ಯಾರೂ ನನಗೆ ಹೇಳಿಕೊಟ್ಟವರಲ್ಲ. ನುಗ್ಗಿದಾಗ ನೆತ್ತಿಯ ಮೇಲೆ ಬಿದ್ದ ಮೊಟಕಿನಿಂದ ತಿಳಿಯಿತು. ಅಳಗುಳಿಮಣೆ, ಆಡು-ಹುಲಿ, ಕತ್ತೆ, ರಮ್ಮಿ ಎಲ್ಲಕ್ಕೂ ಅದೇ ಪಠ್ಯಕ್ರಮ, ಅದೇ ಮೊಟಕು. ಕಲಿಯುವವನು ಮೊದಲು ಸೋಲಬೇಕು, ಆಮೇಲೆ ನಗೆಗೀಡಾಗಬೇಕು, ಆಮೇಲೆ ಇನ್ನೊಬ್ಬ ಬಾರದವನು ಬಂದು ಬೆನ್ನ ಹಿಂದೆ ಕೂರುವ ತನಕ ಕಾಯಬೇಕು.

ಇಂಥ ವಿಶ್ವವಿದ್ಯಾಲಯದ ಪದವೀಧರರು ತುಂಬಿರುವ ನಮ್ಮ ಮನೆಗೆ, ಆಟ ಬಾರದವರಿಗೆಂದೇ ತಯಾರಾದ ಪೆಟ್ಟಿಗೆಯೊಂದು ಈ ಬೇಸಿಗೆಯಲ್ಲಿ ಬಂತು. ತಂದವನು ಬೆಂಗಳೂರಿನಲ್ಲಿರುವ ನಮ್ಮಕ್ಕನ ಮಗ. ಪೆಟ್ಟಿಗೆಯ ಮೇಲೆ ಪೋಕೆಮಾನ್ ಬ್ಯಾಟಲ್ ಅಕಾಡೆಮಿ ಎಂದಿತ್ತು. 2020ರಿಂದ ಮಾರುಕಟ್ಟೆಯಲ್ಲಿರುವ ಸರಕು. ಒಳಗೆ ಅರವತ್ತು ಅರವತ್ತು ಎಲೆಯ ಮೂರು ಕಟ್ಟು. ಒಂದಕ್ಕೆ ಪಿಕಾಚು ಯಜಮಾನ, ಒಂದಕ್ಕೆ ಚಾರಿಜಾರ್ಡ್, ಇನ್ನೊಂದಕ್ಕೆ ಮ್ಯೂಟು. ಎಲೆ ಎಲ್ಲೆಲ್ಲಿ ಇಡಬೇಕೆಂದು ಮನೆ ಬರೆದ ಹಾಸು ಬೇರೆ. ಚೌಕಾಬಾರಕ್ಕೆ ಸೀಮೆಸುಣ್ಣದಲ್ಲಿ ಜಗುಲಿಯ ಮೇಲೆ ಮನೆ ಬರೆದುಕೊಂಡು ಬಂದ ಅವ್ವನಿಗೆ ಇಡೀ ಪೆಟ್ಟಿಗೆಯಲ್ಲಿ ಗೌರವ ಹುಟ್ಟಿಸಿದ್ದು ಆ ಹಾಸೊಂದೇ.

ಆದರೆ ಎಲೆಗಳನ್ನು ಕಂಡ ಕೂಡಲೇ ಅವಳ ಮುಖ ಬದಲಾಯಿತು. ನಮ್ಮ ಕಡೆ ‘ಎಲೆ’ ಅಂದರೆ ಊಟದ್ದು, ವೀಳ್ಯದ್ದು, ಅದು ಬಿಟ್ಟರೆ ಇಸ್ಪೀಟಿನದು. ಮೂರನೆಯದಕ್ಕೆ ಮನೆಯೊಳಗೆ ಪ್ರವೇಶ ವರ್ಷಕ್ಕೊಂದು ಸಲ, ಯುಗಾದಿಯಲ್ಲಿ. ಹಬ್ಬದ ದಿನ ಅತಿ ಮರ್ಯಾದಸ್ಥರೂ ಕಟ್ಟೆಯ ಮೇಲೆ ಕೂತು ಎಲೆ ಹಿಡಿಯುತ್ತಾರೆ. ಮಾರನೇ ದಿನವೂ ಹಿಡಿದಿದ್ದರೆ ಅವರ ಮರ್ಯಾದೆಯ ಬಗ್ಗೆ ಊರು ಮಾತಾಡುತ್ತದೆ. ಅದರ ಮಾರನೇ ದಿನಕ್ಕೆ ಪೊಲೀಸ್ ಜೀಪು ಬರುತ್ತದೆ.

‘ಯುಗಾದಿ ಆಗೋಗಿ ತಿಂಗಳಾಯ್ತಲ್ಲಪ್ಪ, ಇನ್ನೂ ಎಲೆನಾ?’ ಅಂದಳು ಅವ್ವ, ಹುಣಸೆಹಣ್ಣು ಬಡಿದು ಬೀಜ ತೆಗೆಯುತ್ತಾ.

‘ಅಜ್ಜಿ, ಇದು ಇಸ್ಪೀಟ್ ಅಲ್ಲ, ಟ್ರೇಡಿಂಗ್ ಕಾರ್ಡ್ ಗೇಮ್.’

‘ದುಡ್ಡು ಕಟ್ಟಂಗಿಲ್ವಾ?’

‘ಇಲ್ಲ ಅಜ್ಜಿ.’

‘ಮತ್ಯಾಕೆ ಆಡ್ತಾರೆ?’ ಇದು ನಮ್ಮ ಚಿಕ್ಕಪ್ಪ. ಗೋಡೆಗೆ ಒರಗಿ ಕಣ್ಣು ಮುಚ್ಚಿದ್ದವರು, ಎಲೆಯ ಸದ್ದಿಗೆ ಎದ್ದು ಕೂತಿದ್ದರು. ರಮ್ಮಿ ಬುದ್ಧಿಯ ಆಟ, ಬರೀ ಅದೃಷ್ಟದ್ದಲ್ಲ ಎಂದು ಆಂಧ್ರದ ಮೊಕದ್ದಮೆಯೊಂದರಲ್ಲಿ ಸುಪ್ರೀಂ ಕೋರ್ಟು 1967ರಲ್ಲಿ ಹೇಳಿದೆಯಲ್ಲ, ಅದನ್ನು ಚಿಕ್ಕಪ್ಪ ಮನೆದೇವರ ಹೆಸರಿನಷ್ಟೇ ಭಕ್ತಿಯಿಂದ ನೆನೆಯುತ್ತಾರೆ. ಮೂರೆಲೆಗೆ ಆ ರಕ್ಷಣೆ ಇಲ್ಲ ಎಂಬ ಭಾಗವನ್ನು ಅವರು ಕೇಳಿಸಿಕೊಂಡಂತಿಲ್ಲ.

ಇನ್ನು ಪಾಠ. ಈ ಪೆಟ್ಟಿಗೆ ಮಾಡಿದವರ ಜಾಣತನವೆಲ್ಲ ಇರುವುದು ಇಲ್ಲೇ. ಹೊಸಬನಿಗೆ ನಿಯಮದ ಪುಸ್ತಕ ಕೊಟ್ಟರೆ ಓದುವುದಿಲ್ಲ, ಓದಿದರೂ ತಲೆಗೆ ಹತ್ತುವುದಿಲ್ಲ ಎಂಬುದು ಅವರಿಗೆ ಗೊತ್ತು. ಅದಕ್ಕೆ ಪಾಠದ ಕಟ್ಟಿನ ಎಲೆಗಳನ್ನು ಮೊದಲೇ ಒಂದು ಕ್ರಮದಲ್ಲಿ ಜೋಡಿಸಿಟ್ಟಿರುತ್ತಾರೆ. ಮೂಲೆಯಲ್ಲಿ ಸಣ್ಣದಾಗಿ ನಂಬರು. ಮೊದಲ ಸರದಿಗೆ ಇಂಥ ಎಲೆ ಬರುತ್ತದೆ, ಅದನ್ನು ಇಲ್ಲಿಡು, ಎದುರಿನವನಿಗೆ ಇಂಥದು ಬರುತ್ತದೆ, ಅವನು ಹೀಗೆ ಹೊಡೆಯುತ್ತಾನೆ, ನೀನು ಹೀಗೆ ಹೊಡಿ ಎಂದು ಪುಸ್ತಕ ಕೈ ಹಿಡಿದು ನಡೆಸುತ್ತದೆ. ಮೊದಲ ಆಟ ನಿಜಕ್ಕೂ ಆಟವಲ್ಲ, ಇಬ್ಬರು ಸೇರಿ ಓದುವ ನಾಟಕ. ಈ ಕಲೆ ಈಗ ಬೇರೆ ಕಂಪನಿಗಳಿಗೂ ಒಲಿದಿದೆ. ಮ್ಯಾಜಿಕ್ ಎಂಬ ಇನ್ನೊಂದು ಎಲೆಯಾಟದವರು 2024ರ ನವೆಂಬರಿನಲ್ಲಿ ಬಿಟ್ಟ ಕಲಿಕೆಯ ಪೆಟ್ಟಿಗೆಯಲ್ಲೂ ಇಪ್ಪತ್ತು ಎಲೆಯ ಹತ್ತು ಕಟ್ಟುಗಳಿವೆ, ಅದರಲ್ಲಿ ಬೆಕ್ಕಿನದೊಂದು ರಕ್ತಪಿಶಾಚಿಯದೊಂದು ಹೀಗೆ ಮೊದಲೇ ಜೋಡಿಸಿಟ್ಟವು. ಪೋಕೆಮಾನ್‌ನವರಂತೂ 2023ರಲ್ಲಿ ಇನ್ನೂ ಚಿಕ್ಕ ಮಕ್ಕಳಿಗೆಂದು ಹದಿನೇಳೇ ಎಲೆಯ ಕಟ್ಟು ತಂದರು. ಒಟ್ಟಿನಲ್ಲಿ ಮೊದಲೇ ಜೋಡಿಸಿಟ್ಟ ಪಾಠಗಳ ಮೊದಲ ಆಜ್ಞೆ ಒಂದೇ: ಕಲಸಬೇಡಿ.

ನಮ್ಮಕ್ಕನ ಮಗ ಪುಸ್ತಕದಲ್ಲಿ ಆ ಸಾಲಿಗೆ ಬರುವಷ್ಟರಲ್ಲಿ ಚಿಕ್ಕಪ್ಪ ಪಿಕಾಚುವಿನ ಕಟ್ಟನ್ನು ಕೈಗೆ ತೆಗೆದುಕೊಂಡಾಗಿತ್ತು. ಅವರ ಕೈಗೆ ಎಲೆ ಸಿಕ್ಕಿದ ಮೇಲೆ ತಲೆಗೆ ಅಲ್ಲಿ ಕೆಲಸವಿಲ್ಲ. ಎರಡು ಪಾಲಾಯಿತು, ಫರ್ ಎಂದು ಒಂದರೊಳಗೊಂದು ಸೇರಿತು, ಮತ್ತೆ ಎರಡು ಪಾಲಾಯಿತು. ಮೂರನೇ ಸಲ ಕಲಸಿ, ನೆಲಕ್ಕೆ ಇಟ್ಟು, ‘ಕಟ್ ಮಾಡ್ಲಾ’ ಅಂದರು.

ಹುಡುಗ ಕಿರುಚಿದ್ದು ಬೀದಿಗೆ ಕೇಳಿಸಿತು. ‘ತಾತಾ! ಕಲಸಬಾರ್ದಿತ್ತು! ಅದು ಆರ್ಡರ್‌ನಲ್ಲಿತ್ತು!’

ಚಿಕ್ಕಪ್ಪನಿಗೆ ಅವಮಾನವಾಗಲಿಲ್ಲ, ಆಘಾತವಾಯಿತು. ‘ಜೋಡ್ಸಿಟ್ಟಿದ್ದ ಎಲೆನಾ? ಜೋಡ್ಸಿಟ್ಟ ಎಲೇಲಿ ಆಡಕ್ಕೆ ನಮ್ಮೂರಲ್ಲಿ ಬ್ಯಾರೆ ಹೆಸರೈತೆ ಕಣಪ್ಪ. ಹಂಗ್ ಆಡ್ದೋನ್ನ ಕಟ್ಟೆಗೆ ಸೇರಿಸ್ತಿರ್ಲಿಲ್ಲ.’

ಅರವತ್ತು ಎಲೆಗಳನ್ನು ನಂಬರಿನ ಪ್ರಕಾರ ಮತ್ತೆ ಜೋಡಿಸುವ ಕೆಲಸ ಅವ್ವನಿಗೆ ಬಂತು. ಅವಳಿಗೆ ಇಂಗ್ಲಿಷ್ ಬರುವುದಿಲ್ಲ, ಅಂಕಿ ಬರುತ್ತದೆ. ಒಂದು ಕೈಯಲ್ಲಿ ಹುಣಸೆ, ಒಂದು ಕೈಯಲ್ಲಿ ಪಿಕಾಚು. ಎಲೆಗಳಿಗೆ ಅಂಟು ಹತ್ತಿದ್ದರಿಂದ ಮುಂದೆ ಯಾರು ಕಲಸಿದರೂ ಹದಿನೆಂಟೂ ಹತ್ತೊಂಬತ್ತೂ ಬೇರೆಯಾಗುವ ಸಂಭವವಿರಲಿಲ್ಲ. ಕಂಪನಿಯವರಿಗೂ ಈ ಉಪಾಯ ಹೊಳೆದಿರಲಿಕ್ಕಿಲ್ಲ.

ನಿಯಮಗಳು ಒಂದೊಂದಾಗಿ ನ್ಯಾಯಪಂಚಾಯ್ತಿಗೆ ಬಂದವು. ಕೈಗೆ ಏಳೆಲೆ. ಅದರಲ್ಲಿ ಆಟ ಶುರು ಮಾಡುವಂಥ ಮೂಲ ಪ್ರಾಣಿ ಒಂದೂ ಇಲ್ಲದಿದ್ದರೆ ಎಲ್ಲರಿಗೂ ತೋರಿಸಿ, ಕಲಸಿ, ಹೊಸದಾಗಿ ಏಳು ತೆಗೆದುಕೊಳ್ಳಬಹುದು. ‘ಕೆಟ್ಟ ಎಲೆ ಬಂದ್ರೆ ಮಕದಲ್ಲಿ ತೋರಿಸ್ದೆ ಇರೋದೇ ಆಟ. ಇವರು ಊರಿಗೆಲ್ಲ ತೋರ್ಸಿ ಬ್ಯಾರೆ ಇಸ್ಕೊತಾರಲ್ಲ’ ಎಂದು ಚಿಕ್ಕಪ್ಪ ಅಸಹ್ಯಪಟ್ಟರು. ಅವ್ವನ ತಕರಾರು ಬಹುಮಾನದ ಎಲೆಗಳ ಮೇಲಿತ್ತು. ಆಟ ಶುರುವಾಗುವಾಗ ಪ್ರತಿಯೊಬ್ಬರೂ ತಮ್ಮದೇ ಕಟ್ಟಿನಿಂದ ಆರು ಎಲೆ ಮಗುಚಿ ಪಕ್ಕಕ್ಕಿಡಬೇಕು. ಎದುರಿನವರ ಪ್ರಾಣಿಯನ್ನು ಕೆಡವಿದಾಗಲೆಲ್ಲ ಅದರಿಂದ ಸಾಮಾನ್ಯವಾಗಿ ಒಂದು ತೆಗೆದುಕೊಳ್ಳಬೇಕು. ಆರೂ ಮುಗಿದರೆ ಗೆಲುವು.

‘ನಮ್ ಗಂಟು ನಾವ್ ತಗಳಕ್ಕೆ ಅವರನ್ನ ಯಾಕ್ ಹೊಡೀಬೇಕು?’ ಅಂದಳು.

ಇದಕ್ಕೆ ಹುಡುಗನ ಬಳಿ ಉತ್ತರವಿರಲಿಲ್ಲ, ಪುಸ್ತಕದಲ್ಲೂ ಇರಲಿಲ್ಲ. ನನಗನಿಸುತ್ತದೆ, ಆ ಆಟ ಹುಟ್ಟಿದ 1996ರಿಂದ ಈಚೆಗೆ ಇದನ್ನು ಕೇಳಬೇಕೆಂದು ಯಾರಿಗೂ ತೋಚಿಲ್ಲ.

ಪ್ರಾಣಿಗಳು ಬೆಳೆಯುವ ನಿಯಮ ಮಾತ್ರ ಸಲೀಸಾಗಿ ಹತ್ತಿತು. ಚಾರ್ಮಾಂಡರ್ ಮೇಲೆ ಚಾರ್ಮೀಲಿಯನ್, ಅದರ ಮೇಲೆ ಚಾರಿಜಾರ್ಡ್ ಇಡಬೇಕು. ಹೆಸರು ದೊಡ್ಡದಾಗುತ್ತದೆ, ಬಲ ಹೆಚ್ಚುತ್ತದೆ, ಆದರೆ ಮೊದಲೇ ಬಿದ್ದಿದ್ದ ಪೆಟ್ಟು ಹಾಗೇ ಉಳಿಯುತ್ತದೆ. ‘ಗೊತ್ತಾಯ್ತು ಬುಡು’ ಎಂದು ಚಿಕ್ಕಪ್ಪ ಹುಡುಗನ ವಿವರಣೆಯನ್ನು ಅಲ್ಲಿಗೇ ನಿಲ್ಲಿಸಿದರು. ‘ನಮ್ಮೂರು ಮೊದ್ಲು ಬೆಂಗಳೂರು ಜಿಲ್ಲೆ. 86ರಲ್ಲಿ ಬೆಂಗಳೂರು ಗ್ರಾಮಾಂತರ ಆಯ್ತು. 2007ಕ್ಕೆ ರಾಮನಗರ. 2025ಕ್ಕೆ ಬೆಂಗಳೂರು ದಕ್ಷಿಣ. ಮೇಲಿನ ಎಲೆ ಬದಲಾಯ್ತು, ರಸ್ತೆ ಗುಂಡಿ ಅಲ್ಲೇ ಐತೆ. ಅದೇ ತಾನೆ?’ ಹುಡುಗ ಸ್ವಲ್ಪ ಯೋಚಿಸಿ ಅದೇ ಅಂದ.

ಈ ಆಟದ ನಿಯಮ ಜಾಸ್ತಿಯಾಯಿತು ಎಂದು ಗೊಣಗುವವರು ನಮ್ಮ ಮೈಸೂರಿನ ಗಂಜೀಫವನ್ನು ಒಮ್ಮೆ ನೋಡಬೇಕು. ದಶಾವತಾರದ ಗಂಜೀಫದಲ್ಲಿ ಹತ್ತು ಅವತಾರಕ್ಕೆ ಹನ್ನೆರಡರಂತೆ 120 ದುಂಡನೆಯ ಎಲೆ. ಐದು ಅವತಾರಗಳಲ್ಲಿ ಅಂಕಿಯ ಎಲೆಗಳ ಪೈಕಿ ಹತ್ತು ದೊಡ್ಡದು, ಉಳಿದೈದರಲ್ಲಿ ತಲೆಕೆಳಗಾಗಿ ಒಂದು ದೊಡ್ಡದು. ಹಗಲಲ್ಲಿ ಆಡಿದರೆ ರಾಮನ ರಾಜ ಯಾರ ಕೈಲಿದೆಯೋ ಅವರದು ಮೊದಲ ಸರದಿ, ರಾತ್ರಿ ಆಡಿದರೆ ಕೃಷ್ಣನದು. ಮುಸ್ಸಂಜೆಯಲ್ಲಿ ಕೂತವರು ಏನು ಮಾಡುತ್ತಿದ್ದರೋ. ಸಾಲದೆಂದು ಮುಮ್ಮಡಿ ಕೃಷ್ಣರಾಜ ಒಡೆಯರು ಹೊಸ ಹೊಸ ಆಟಗಳನ್ನೇ ಕಟ್ಟಿ, ಶ್ರೀತತ್ತ್ವನಿಧಿಯ ಕೌತುಕನಿಧಿಯಲ್ಲಿ ಬರೆಸಿಟ್ಟರು. ಅವುಗಳಲ್ಲಿ ದೊಡ್ಡದಕ್ಕೆ 360 ಎಲೆ. 1831ರಲ್ಲಿ ಬ್ರಿಟಿಷರು ಆಡಳಿತ ಕಿತ್ತುಕೊಂಡ ಮೇಲೆ ದೊರೆಗೆ ಬಿಡುವಿತ್ತು, ನಿಜ. ಆದರೆ ಕಲಿಯುವವರಿಗೂ ಅಷ್ಟೇ ಬಿಡುವು ಬೇಕಲ್ಲ. ‘ಹೊಸಬರಿಗೆ ಗಂಜೀಫ, ಹದಿನೇಳೇ ಎಲೆ’ ಎಂಬ ಪೆಟ್ಟಿಗೆಯನ್ನು ಅರಮನೆ ಹೊರತಂದಿದ್ದರೆ ಆ ಆಟ ಇವತ್ತು ಗಾಜಿನ ಕಪಾಟಿನೊಳಗೆ ಇರುತ್ತಿರಲಿಲ್ಲವೇನೋ ಎಂಬುದು ನನ್ನ ಸ್ವಂತ ಇತಿಹಾಸ ಸಂಶೋಧನೆ.

ನನ್ನ ತಲೆಮಾರಿಗಂತೂ ಪೆಟ್ಟಿಗೆ ಬೇಕಾಗಿರಲಿಲ್ಲ. ನಮಗಿದ್ದದ್ದು ಡಬ್ಲ್ಯುಡಬ್ಲ್ಯುಎಫ್ ಕುಸ್ತಿಪಟುಗಳ ಟ್ರಂಪ್ ಕಾರ್ಡು. ಎತ್ತರ, ತೂಕ, ಎದೆ, ತೋಳು. ಯಾರ ಅಂಕಿ ದೊಡ್ಡದೋ ಅವನಿಗೆ ಎಲೆ. ಎರಡನೇ ಕ್ಲಾಸಿನ ಹುಡುಗನೂ ಒಂದೇ ನಿಮಿಷದಲ್ಲಿ ಕಲಿಯುತ್ತಿದ್ದ. ಯೊಕೊಜುನಾ ಬಂದರೆ ಕಣ್ಣುಮುಚ್ಚಿ ‘ತೂಕ’ ಅನ್ನುವುದು. ನನಗೆ ಕಿಲೋ ಮತ್ತು ಪೌಂಡಿನ ವ್ಯತ್ಯಾಸ ಕಲಿಸಿದ್ದು ಆತನೇ, ಗಣಿತದ ಮೇಷ್ಟರಲ್ಲ.

ಇತ್ತ ಚಿಕ್ಕಪ್ಪ ಪೋಕೆಮಾನ್ ಪೆಟ್ಟಿಗೆಯನ್ನು ಅಷ್ಟಕ್ಕೇ ಬಿಡಲಿಲ್ಲ. ಎರಡು ದಿನ ಆಡಿ, ಎರಡನೇ ದಿನ ಗೆದ್ದು, ನಂತರ ಅಸಲು ಪ್ರಶ್ನೆ ತೆಗೆದರು. ‘ಪೆಟ್ಟಿಗೆ ಬಂತು, ಕಲ್ತಾಯ್ತು. ಇನ್ನು ಮುಂದಕ್ಕೇನು?’

ಮುಂದಕ್ಕೆ ಬೂಸ್ಟರ್ ಪ್ಯಾಕ್ ಎಂದ ಹುಡುಗ. ಸಣ್ಣ ಪೊಟ್ಟಣ, ಒಳಗೆ ಯಾವ ಎಲೆ ಇದೆ ಎಂದು ಹೊರಗಿನಿಂದ ತಿಳಿಯುವುದಿಲ್ಲ, ಹರಿದು ನೋಡಬೇಕು. ಅಪರೂಪದ್ದು ಬಂದರೆ ಕುಣಿಯಬಹುದು, ಬರದಿದ್ದರೆ ಇನ್ನೊಂದು ಕೊಳ್ಳಬೇಕು. ಈ ವ್ಯಾಪಾರವನ್ನು ಶುರು ಮಾಡಿಕೊಟ್ಟವರು ಗಣಿತದ ಡಾಕ್ಟರೇಟು ಪಡೆದ ರಿಚರ್ಡ್ ಗಾರ್ಫೀಲ್ಡ್. 1993ರಲ್ಲಿ ಅವರ ಮ್ಯಾಜಿಕ್ ಆಟ ಬಂದಾಗ ಆರಂಭಿಕರ ಅರವತ್ತು ಎಲೆಯ ಕಟ್ಟಿನಲ್ಲೂ ಏನಿದೆಯೆಂದು ಕೊಳ್ಳುವವನಿಗೆ ಗೊತ್ತಿರುತ್ತಿರಲಿಲ್ಲ. ಇಂಥಿಂಥ ಎಲೆಯೇ ಇದೆ ಎಂದು ಖಾತ್ರಿ ಹೇಳಿ ಮಾರುವ ಪೆಟ್ಟಿಗೆ ಬಂದದ್ದು ಆಮೇಲೆ.

ಚಿಕ್ಕಪ್ಪ ಕಣ್ಣು ಸಣ್ಣದು ಮಾಡಿದರು. ‘ಅಂದ್ರೆ ಆಡೋದ್ರಲ್ಲಿ ಜೂಜಿಲ್ಲ. ಕೊಳ್ಳೋದ್ರಲ್ಲೈತೆ.’

ನಾನು ಎಷ್ಟೋ ಪುಸ್ತಕ ಓದಿ ಹೇಳಲಾಗದ್ದನ್ನು ಅವರು ಗೋಡೆಗೆ ಒರಗಿಕೊಂಡೇ ಹೇಳಿದ್ದರು. ನಮ್ಮ ಕಟ್ಟೆಯ ಆಟದಲ್ಲಿ ಐವತ್ತೆರಡು ಎಲೆ ಯಾವುವು ಎಂದು ಲೋಕಕ್ಕೇ ಗೊತ್ತು, ಅಂಗಡಿಯವನು ಮೋಸ ಮಾಡುವಂತಿಲ್ಲ, ಕಳೆದುಕೊಳ್ಳುವುದೇನಿದ್ದರೂ ಕೂತ ಮೇಲೆ. ಇಲ್ಲಿ ಕೂರುವ ಮೊದಲೇ ಜೇಬು ಖಾಲಿ, ಕೂತ ಮೇಲೆ ಎಲ್ಲರೂ ಸಭ್ಯರು. ಕರ್ನಾಟಕದಲ್ಲಿ ಲಾಟರಿ ನಿಂತದ್ದು 2007ರಲ್ಲಿ. ನಮಗೆ ರಾಮನಗರ ಜಿಲ್ಲೆ ಸಿಕ್ಕ ವರ್ಷವೇ ಚಿಕ್ಕಪ್ಪನಿಗೆ ಆ ಲಾಟರಿಯ ಸುಖ ಕೈತಪ್ಪಿತ್ತು. ಹಾಗಾಗಿ ಪೊಟ್ಟಣ ಹರಿಯುವ ಸುಖ ಎಂಥದೆಂದು ಅವರಿಗೆ ಹೇಳಿಕೊಡಬೇಕಾಗಿರಲಿಲ್ಲ. ಈ ಇಡೀ ಸಂತೆಯಲ್ಲಿ ಬಾರದವರ ಪೆಟ್ಟಿಗೆಯೊಂದೇ ಪ್ರಾಮಾಣಿಕ ಸರಕು. ಒಳಗಿರುವುದೆಲ್ಲ ಹೊರಗೇ ಅಚ್ಚಾಗಿರುತ್ತದೆ. ಬಹುಶಃ ಅದಕ್ಕೇ ಅದರ ಮೇಲೆ ಹುಡುಗರ ಮನಸ್ಸು ಬಹಳ ದಿನ ನಿಲ್ಲುವುದಿಲ್ಲ.

ನಮ್ಮ ಹುಡುಗನದೂ ನಿಲ್ಲಲಿಲ್ಲ. ಪಕ್ಕದ ಮನೆಯ ಹುಡುಗನ ಬಳಿ ಪೆಟ್ಟಿಗೆ ಅಂಗಡಿಯಲ್ಲಿ ಕೊಂಡ ಬಂಗಾರ ಬಣ್ಣದ ಪೋಕೆಮಾನ್ ಎಲೆಗಳಿದ್ದವು. ಅವು ಡೂಪ್ಲಿಕೇಟ್, ಬೆಳಕಿಗೆ ಹಿಡಿದರೆ ಗೊತ್ತಾಗುತ್ತೆ, ಸ್ಪೆಲಿಂಗ್ ತಪ್ಪಿದೆ ಎಂದು ಇವನು ಅರ್ಧ ಗಂಟೆ ಉಪನ್ಯಾಸ ಕೊಟ್ಟ. ಆ ಹುಡುಗ ತಾಳ್ಮೆಯಿಂದ ಕೇಳಿ, ಜೇಬಿನಿಂದ ಕೆಂಪು ಹಳದಿ ಅರಗು ಹಚ್ಚಿದ ಚನ್ನಪಟ್ಟಣದ ಬುಗುರಿಯನ್ನು ತೆಗೆದು, ಅಂಗೈ ಮೇಲೆ ಆಡಿಸಿ ತೋರಿಸಿದ. ಸಂಜೆಯ ಹೊತ್ತಿಗೆ ಬುಗುರಿ ನಮ್ಮ ಮನೆಯಲ್ಲಿತ್ತು, ಚಾರಿಜಾರ್ಡ್ ಪಕ್ಕದ ಮನೆಯಲ್ಲಿತ್ತು. ಟ್ರೇಡಿಂಗ್ ಎಂಬ ಭಾಗಕ್ಕೆ ಯಾವ ಪಾಠದ ಪುಸ್ತಕವೂ ಬೇಕಾಗಲಿಲ್ಲ.

ರಾತ್ರಿ ಆಡಲು ಕೂತಾಗ ಸಂಕಟ ಬಂತು. ಕಟ್ಟಿನಲ್ಲಿ ಅರವತ್ತು ಎಲೆ ಇರಲೇಬೇಕು, ಒಂದು ಕಡಿಮೆಯೂ ಆಗದು, ಹೆಚ್ಚೂ ಆಗದು. ಇದ್ದದ್ದು ಐವತ್ತೊಂಬತ್ತು. ವಾಪಸು ಕೇಳೋಣವೆಂದರೆ ಪಕ್ಕದ ಮನೆಯವನು ಅದನ್ನಾಗಲೇ ಸೋಲೂರಿನ ತನ್ನ ಭಾವನಿಗೆ ಸೈಕಲ್ ಬೆಲ್ಲಿಗೆ ಬದಲಾಯಿಸಿಯಾಗಿತ್ತು. ಹುಡುಗನ ಕಣ್ಣಲ್ಲಿ ನೀರು.

ಚಿಕ್ಕಪ್ಪ ಅಂಗಿಯ ಜೇಬಿನಿಂದ ತಮ್ಮ ಇಸ್ಪೀಟು ಕಟ್ಟು ತೆಗೆದು, ಅದರಿಂದ ಜೋಕರನ್ನು ಎಳೆದು ಕೊಟ್ಟರು. ‘ಇದ್ ಹಾಕ್ಕೊ. ಯಾವ್ದುರ ಬದ್ಲಿಗೆ ಬೇಕಾದ್ರೂ ಆಯ್ತದೆ.’

‘ಇದಕ್ಕೆ ಎಚ್‌ಪಿ ಎಷ್ಟು ತಾತ?’

‘ಅಂಗಂದ್ರೆ?’

‘ಎಷ್ಟು ಏಟು ಬಿದ್ರೆ ಸಾಯುತ್ತೆ?’

‘ಜೋಕರಾ? ನಮ್ ಕಟ್ಟೇಲಿ ನಲ್ವತ್ ವರ್ಷದಿಂದ ಐತೆ. ಸತ್ತಿದ್ ನಾ ಕಂಡಿಲ್ಲ.’

ಹುಡುಗ ಪುಸ್ತಕವನ್ನು ಹಿಂದಿನಿಂದ ಮುಂದಿನವರೆಗೆ ತಿರುವಿದ. ಜೋಕರಿನ ಮಾತು ಎಲ್ಲೂ ಇರಲಿಲ್ಲ. ಬೇಡ ಎಂದೂ ಇರಲಿಲ್ಲ. ಅವನು ಅನುಮಾನದಲ್ಲಿರುವಾಗಲೇ ಅವ್ವ ಆ ಕಟ್ಟನ್ನು ತನ್ನ ಕಡೆ ಎಳೆದುಕೊಂಡು, ಏಳೆಲೆ ತೆಗೆದು, ಅದರಲ್ಲಿ ಬಂದ ಜೋಕರನ್ನೇ ಮೊದಲ ಪ್ರಾಣಿಯಾಗಿ ಹಾಸಿನ ನಡುಮನೆಯಲ್ಲಿ ಇಟ್ಟು, ‘ಹೂಂ, ಹೊಡಿ’ ಅಂದಳು.