ಇರಕಲ್ಲಗಡ ಹೋಬಳಿಗೆ ಅನ್ವಯಿಸುವ ಶಿಶುನಾಮ ಪ್ರಮಾಣ ವಿಚಾರ

ಕೂಸಿನ ಹೆಸರಿನ ಅರ್ಥವನ್ನು ಮೊಬೈಲ್ ನೋಡಿ ಹೇಳುವವರು ಪೂರ್ವಪಕ್ಷಿಗಳು, ಅಜ್ಜಿಯನ್ನು ಕೇಳಿ ಹೇಳುವವರು ಸಿದ್ಧಾಂತಿಗಳು. ಎರಡಕ್ಕೂ ಸೇರದವರು ಅಪ್ಪಂದಿರು. ಶಾಸ್ತ್ರದಲ್ಲಿ ಅವರಿಗೆ ಸ್ಥಾನವಿಲ್ಲ.

ಪೂರ್ವಪಕ್ಷದ ಕಿರೀಟಪ್ರಾಯ ಉದಾಹರಣೆ 'ಆರವ್'. 'ಶಾಂತ' ಎಂಬ ಅರ್ಥ ಅದಕ್ಕೆ ಊರೂರಲ್ಲೂ ಅಂಟಿಕೊಂಡಿದೆ. 1899ರ ಮೋನಿಯರ್ ವಿಲಿಯಮ್ಸ್ ಸಂಸ್ಕೃತ ನಿಘಂಟಿನಲ್ಲಿ 'ಆರವ' ಎಂದರೆ ಕೂಗು, ಅರಚಾಟ. ರಾತ್ರಿ ಎರಡು ಗಂಟೆಗೆ ತೊಟ್ಟಿಲ ಬಳಿ ಸಿಗುವ ಪ್ರತ್ಯಕ್ಷ ಪ್ರಮಾಣವೂ ನಿಘಂಟಿನ ಪರವೇ ಇದೆ. 'ಅನಯಾ' ಇನ್ನೂ ಜಟಿಲ. ಅರಬ್ಬಿಯ 'ಇನಾಯಾ' ಕಾಳಜಿಯಾದರೆ, ಸಂಸ್ಕೃತದ 'ಅನಯ' ದುರ್ನೀತಿ, ದುರದೃಷ್ಟ. ಅರ್ಥವೇನೆಂದು ಕೇಳಿದರೆ ಉತ್ತರ ಒಂದೇ: "ಏನೋ ಚಲೋದೈತಂತ್ರೀ, ಮೊಬೈಲ್‌ನ್ಯಾಗ ಬಂದೈತಿ."

ಜ್ಯೋತಿಷದ ಮೊರೆಹೊಕ್ಕರೆ 27 ನಕ್ಷತ್ರ, ತಲಾ ನಾಲ್ಕು ಪಾದ, ಪಾದಕ್ಕೊಂದರಂತೆ ಹೆಸರಿನ ಮೊದಲಿಗೆ ಒಟ್ಟು 108 ಅಕ್ಷರ. ಆರಿದ್ರೆಯ ಮೂರನೇ ಪಾದಕ್ಕೆ 'ಙ', ಹಸ್ತದ ಮೂರನೆಯದಕ್ಕೆ 'ಣ', ಉತ್ತರಾಭಾದ್ರೆಯ ನಾಲ್ಕನೆಯದಕ್ಕೆ 'ಞ'. ಆರಿದ್ರೆ ಮಳೆ ತಂದೀತು, 'ಙ'ಕಾರದ ಹೆಸರು ತರಲಾರದು.

ಈ ಸೀಮೆಯ ಹಳೆಯ ಹೆಸರುಗಳಿಗೆ ಇಂಥ ತೊಡಕಿಲ್ಲ. ಗವಿಸಿದ್ದಪ್ಪ ಅಂದರೆ ಕೊಪ್ಪಳದ ಗವಿಮಠ, ಹುಲಿಗೆಮ್ಮ ಅಂದರೆ ತುಂಗಭದ್ರೆಯ ದಂಡೆಯ ಹುಲಿಗಿ, ಕನಕಾಚಲ ಅಂದರೆ ಕನಕಗಿರಿ, ಯಮನೂರಪ್ಪ ಅಂದರೆ ನವಲಗುಂದ ತಾಲ್ಲೂಕಿನ ಯಮನೂರು. ಶಂಕೆ ಬಂದವರು ಬಸ್ ಹತ್ತಿ ಹೋಗಿ ನೋಡಿಕೊಂಡು ಬರಬಹುದು. ಬರುವಾಗ ಪ್ರಸಾದವೂ ಸಿಗುತ್ತದೆ. ಇನ್ನು ತಿಪ್ಪಣ್ಣ. ಹುಟ್ಟಿದ ಕೂಸುಗಳು ಉಳಿಯದ ಮನೆಯಲ್ಲಿ, ದೃಷ್ಟಿ ತಾಗದಿರಲೆಂದು ಹೊಸ ಕೂಸನ್ನು ತಿಪ್ಪೆಯ ಮೇಲಿಟ್ಟು ಎತ್ತಿಕೊಂಡು ಇಟ್ಟ ಹೆಸರದು. ಅರ್ಥ ಹೊಲಸೇ ಇರಲಿ, ಸುಳ್ಳಲ್ಲ.

ಸಿದ್ಧಾಂತಪಕ್ಷದಲ್ಲಿ ತಜ್ಞರ ಪರಿಶೀಲನೆಯೂ ಇದೆ. ಸೋದರತ್ತೆ ಹೆಸರನ್ನು ಕೂಸಿನ ಕಿವಿಯಲ್ಲಿ ಮಂಡಿಸುತ್ತಾಳೆ. ನೆರೆದ ಹೆಂಗಸರು ಅವಳ ಬೆನ್ನಿಗೆ ಗುದ್ದಿ ಅನುಮೋದಿಸುತ್ತಾರೆ. ವಿಶ್ವವಿದ್ಯಾಲಯಗಳು ಈ ಪದ್ಧತಿಯನ್ನು ಇನ್ನೂ ಅಳವಡಿಸಿಕೊಳ್ಳದಿರುವುದು ಪಿಎಚ್‌.ಡಿ. ಪ್ರಬಂಧಗಳನ್ನು ಓದಿದವರಿಗೆಲ್ಲ ಗೊತ್ತಾಗುತ್ತದೆ.

ಅರ್ಥ ತಪ್ಪಿದರೆ ನಗೆಪಾಟಲು, ಕಾಗುಣಿತ ತಪ್ಪಿದರೆ ಕಚೇರಿಯ ಅಲೆದಾಟ. 2023ರ ಅಕ್ಟೋಬರ್ 1ರಿಂದ ಹುಟ್ಟಿದ ಮಕ್ಕಳಿಗೆ ಶಾಲೆ ಸೇರಲು ಜನನ ಪ್ರಮಾಣಪತ್ರವೇ ಹುಟ್ಟಿದ ದಿನದ ಸಾಕ್ಷಿ; ಅದರಲ್ಲಿ 'ಸಿದ್ದಪ್ಪ'ನಿಗೆ ಒತ್ತಕ್ಷರ ಅಲ್ಪಪ್ರಾಣವೋ ಮಹಾಪ್ರಾಣವೋ ಎಂದು ಹೆಸರು ಬರೆಸುವಾಗಲೇ ನೋಡಿಕೊಳ್ಳಬೇಕು. ಹೆಸರಿಗೆ ಮಾತ್ರ ಆತುರ ಬೇಡ. 1969ರ ಜನನ ಮರಣ ನೋಂದಣಿ ಕಾಯ್ದೆಯಡಿ ಹೆಸರಿಲ್ಲದೆಯೂ ಜನನ ನೋಂದಾಯಿಸಬಹುದು. ಹೆಸರು ಸೇರಿಸಲು ಒಂದು ವರ್ಷದವರೆಗೆ ಶುಲ್ಕವಿಲ್ಲ, ಆಮೇಲೂ ವಿಳಂಬ ಶುಲ್ಕ ಕಟ್ಟಿ 15 ವರ್ಷದೊಳಗೆ ಸೇರಿಸಬಹುದು.